ಸೊನ್ನೆ ಬಿಲ್ಲನ್ನೂ ಓದಬೇಕು

ತಿಂಗಳಿಗೊಮ್ಮೆ ಮೀಟರ್ ಓದುವವರು ಮನೆ ಬಾಗಿಲಿಗೆ ಬರುತ್ತಾರೆ. ಕೈಯಲ್ಲಿರುವ ಪುಟ್ಟ ಯಂತ್ರದಿಂದ ಉದ್ದನೆಯ ಚೀಟಿಯೊಂದನ್ನು ಹರಿದು ಕೊಟ್ಟು ಮುಂದಿನ ಮನೆಗೆ ಹೋಗುತ್ತಾರೆ. ಹಿಂದೆಲ್ಲ ಆ ಚೀಟಿ ಕೈಗೆ ಬಂದ ಕೂಡಲೇ ಯಜಮಾನರ ಕಣ್ಣು ಕಟ್ಟಬೇಕಾದ ಮೊತ್ತದ ಮೇಲೆ ಬೀಳುತ್ತಿತ್ತು. ಈಗ ಕರ್ನಾಟಕದ ಎಷ್ಟೋ ಮನೆಗಳ ಬಿಲ್ಲಿನಲ್ಲಿ ಆ ಜಾಗದಲ್ಲಿ ಸೊನ್ನೆ ಇರುತ್ತದೆ. ಸೊನ್ನೆ ಕಂಡ ಮೇಲೆ ಓದುವುದೇನಿದೆ? ಚೀಟಿ ಕಿಟಕಿಯ ಸಂದಿಗೋ ಒಲೆಯ ಬುಡಕ್ಕೋ ಸೇರುತ್ತದೆ. ಯಾವುದೋ ಬೇಸಿಗೆಯ ತಿಂಗಳಲ್ಲಿ ಸಾವಿರ ರೂಪಾಯಿ ದಾಟಿದ ಬಿಲ್ಲು ಬಂದಾಗ ಮಾತ್ರ ‘ಇದೇನು ಅನ್ಯಾಯ’ ಎಂಬ ಗಾಬರಿ ಹುಟ್ಟುತ್ತದೆ. ಬಹಳ ಸಲ ಅದು ಅನ್ಯಾಯವಲ್ಲ. ತಿಂಗಳುಗಟ್ಟಲೆ ಯಾರೂ ಓದದೆ ಬಿಟ್ಟ ಲೆಕ್ಕ.

ಈ ವಾರ ಆ ಲೆಕ್ಕವನ್ನೇ ಕಲಿಯೋಣ. ಮನೆಯಲ್ಲಿ ಹೈಸ್ಕೂಲಿಗೋ ಕಾಲೇಜಿಗೋ ಹೋಗುವ ಮಕ್ಕಳಿದ್ದರೆ ವಿದ್ಯುತ್ ಬಿಲ್ಲು ಓದುವ ಕೆಲಸ ಅವರದಾಗಲಿ. ಕೂಡುವುದು, ಕಳೆಯುವುದು, ಶೇಕಡಾ ತೆಗೆಯುವುದು ಬಂದರೆ ಸಾಕು.

ಒಂದು ದೀಪದಿಂದ 200 ಯೂನಿಟ್‌ಗೆ

ಬಡವರ ಮನೆಯ ಬೆಳಕಿಗೆ ಸರ್ಕಾರ ನೆರವಾಗುವುದು ಹೊಸ ಮಾತಲ್ಲ. ಗುಡಿಸಲಿಗೆ ಒಂದು ದೀಪ ಎಂಬ ಆಶಯದಿಂದ ನಮ್ಮ ರಾಜ್ಯದಲ್ಲಿ ಭಾಗ್ಯಜ್ಯೋತಿ ಬಂತು. ಕೇಂದ್ರ ಸರ್ಕಾರ 1988–89ರಲ್ಲಿ ಕುಟೀರಜ್ಯೋತಿ ಆರಂಭಿಸಿತು. ಮುಂದೆ ಈ ಮನೆಗಳಿಗೆ ತಿಂಗಳಿಗೆ 40 ಯೂನಿಟ್‌ವರೆಗೆ ಶುಲ್ಕವಿಲ್ಲ ಎಂಬ ವ್ಯವಸ್ಥೆಯಾಯಿತು. 2023ರಲ್ಲಿ ಇವೆಲ್ಲವೂ ಗೃಹಜ್ಯೋತಿಯೊಳಗೆ ಸೇರಿದವು. ಆ ವರ್ಷದ ಜುಲೈ ತಿಂಗಳ ಬಳಕೆಗೆ ಯೋಜನೆ ಅನ್ವಯವಾಗಿ, ಆಗಸ್ಟ್‌ನಲ್ಲಿ ಮೊದಲ ಸೊನ್ನೆ ಬಿಲ್ಲುಗಳು ಜನರ ಕೈಗೆ ಬಂದವು. ಆಗಸ್ಟ್ 5ರಂದು ಕಲಬುರಗಿಯಲ್ಲಿ ಅದರ ವಿಧ್ಯುಕ್ತ ಉದ್ಘಾಟನೆಯೂ ನಡೆಯಿತು.

ಗೃಹಜ್ಯೋತಿಗೆ ಆದಾಯ ಪ್ರಮಾಣಪತ್ರ ಬೇಡ, ಬಿಪಿಎಲ್ ಕಾರ್ಡೂ ಬೇಡ. ವಾಸದ ಮನೆಯ ಸಂಪರ್ಕವಾಗಿರಬೇಕು, ತಿಂಗಳ ಬಳಕೆ 200 ಯೂನಿಟ್ ಮೀರಬಾರದು. ಅಂಗಡಿ, ವರ್ಕ್‌ಶಾಪುಗಳಿಗೆ ಇದು ಸಲ್ಲದು. ಒಂದು ಆಧಾರ್ ಸಂಖ್ಯೆಗೆ ಒಂದೇ ಮೀಟರ್. ಭಾಗ್ಯಜ್ಯೋತಿಯವರೂ ಹೊಸದಾಗಿ ನೋಂದಾಯಿಸಿಕೊಳ್ಳಬೇಕಾಯಿತು.

ಒಂದು ಮಾತು ವಿದ್ಯಾರ್ಥಿಗಳ ಮನಸ್ಸಿನಲ್ಲಿರಲಿ. ‘ಉಚಿತ’ ಎಂದರೆ ಯಾರೂ ಹಣ ಕೊಡುವುದಿಲ್ಲ ಎಂದಲ್ಲ. ನಿಮ್ಮ ಪರವಾಗಿ ಸರ್ಕಾರದ ಬೊಕ್ಕಸ ಕೊಡುತ್ತದೆ ಎಂದರ್ಥ. ರಾಜ್ಯ ಸರ್ಕಾರ ಯಾವುದೇ ವರ್ಗದ ಗ್ರಾಹಕರಿಗೆ ರಿಯಾಯಿತಿ ಕೊಡಬಯಸಿದರೆ ಅದರ ಹಣವನ್ನು ವಿದ್ಯುತ್ ಕಂಪನಿಗೆ ಮುಂಗಡವಾಗಿ ಕಟ್ಟಬೇಕು ಎಂದು 2003ರ ವಿದ್ಯುತ್ ಕಾಯ್ದೆಯ 65ನೇ ಕಲಂ ಹೇಳುತ್ತದೆ. 2024–25ರ ರಾಜ್ಯ ಬಜೆಟ್ಟಿನಲ್ಲಿ ಗೃಹಜ್ಯೋತಿಗೆ 9,657 ಕೋಟಿ ರೂಪಾಯಿ ಇಡಲಾಗಿತ್ತು. ಬೆಂಕಿಪೊಟ್ಟಣ ಕೊಂಡವನೂ ತೆರಿಗೆ ಕಟ್ಟುತ್ತಾನೆ. ಆ ದುಡ್ಡೂ ಇದರಲ್ಲಿದೆ.

ಹಾಸಿಗೆ ಎಷ್ಟುದ್ದ?

ಅನೇಕರು ತಿಳಿದಿರುವಂತೆ ಎಲ್ಲರಿಗೂ 200 ಯೂನಿಟ್ ಉಚಿತವಲ್ಲ. 200 ಎಂಬುದು ಗರಿಷ್ಠ ಗಡಿ ಮಾತ್ರ. ನಿಮ್ಮ ಮನೆಯ ಪಾಲನ್ನು ನಿಮ್ಮದೇ ಹಳೆಯ ಬಳಕೆ ನಿರ್ಧರಿಸುತ್ತದೆ. 2022–23ನೇ ಆರ್ಥಿಕ ವರ್ಷದಲ್ಲಿ ತಿಂಗಳಿಗೆ ಸರಾಸರಿ ಎಷ್ಟು ಯೂನಿಟ್ ಬಳಸಿದ್ದಿರೋ ಅದಕ್ಕೆ ಶೇಕಡಾ 10 ಸೇರಿಸಿದರೆ ಬರುವುದೇ ನಿಮ್ಮ ಅರ್ಹತೆ. ಹಿಂದಿನ ದಾಖಲೆ ಇಲ್ಲದ ಹೊಸ ಮನೆಗೆ ರಾಜ್ಯದ ಸರಾಸರಿಯಾದ 53 ಯೂನಿಟ್ಟಿಗೆ ಶೇಕಡಾ 10 ಸೇರಿಸಿ 58 ಯೂನಿಟ್ ಎಂದು ಗೊತ್ತುಮಾಡಲಾಯಿತು.

ಉದಾಹರಣೆಗೆ, ಒಂದು ಮನೆಯ ಸರಾಸರಿ 60 ಯೂನಿಟ್ ಎನ್ನೋಣ. ಅದರ ಶೇಕಡಾ 10 ಎಂದರೆ 6. ಅರ್ಹತೆ 66 ಯೂನಿಟ್. ಆ ಮನೆ 66ರ ಒಳಗೇ ಬಳಸಿದರೆ ಬಿಲ್ಲು ಸೊನ್ನೆ. 80 ಬಳಸಿದರೆ ಹೆಚ್ಚಾದ 14 ಯೂನಿಟ್ಟಿಗೆ ಮಾತ್ರ ಹಣ ಕಟ್ಟಬೇಕು. ಹಾಸಿಗೆ ಇದ್ದಷ್ಟು ಕಾಲು ಚಾಚು ಎಂಬ ಗಾದೆ ಇಲ್ಲಿ ಅಕ್ಷರಶಃ ನಿಜ. ಆದರೆ ಹಾಸಿಗೆ ಎಷ್ಟುದ್ದ ಎಂದು ತಿಳಿಯದೆ ಕಾಲು ಚಾಚುವುದು ಹೇಗೆ? ಆದ್ದರಿಂದ ಮೊದಲು ನಿಮ್ಮ ಅರ್ಹತೆ ಎಷ್ಟೆಂದು ತಿಳಿದುಕೊಳ್ಳಿ. ಬಿಲ್ಲು ನೋಡಿ ಗೊತ್ತಾಗದಿದ್ದರೆ ವಿದ್ಯುತ್ ಕಂಪನಿಯ ಉಪವಿಭಾಗ ಕಚೇರಿಯಲ್ಲಿ ಕೇಳಿ, ಆ ಅಂಕಿಯನ್ನು ಮೀಟರ್ ಪೆಟ್ಟಿಗೆಯ ಪಕ್ಕದ ಗೋಡೆಯ ಮೇಲೆ ಬರೆದಿಡಿ.

ಇನ್ನು 200ರ ಗಡಿ. ಇದು ಇಳಿಜಾರಲ್ಲ, ಕಡಿದಾದ ದಂಡೆ. 200 ದಾಟಿದ ತಿಂಗಳು ಹೆಚ್ಚುವರಿಗೆ ಮಾತ್ರವಲ್ಲ, ಬಳಸಿದ ಎಲ್ಲ ಯೂನಿಟ್ಟಿಗೂ ಹಣ ಕಟ್ಟಬೇಕು. ಸರಾಸರಿ 170 ಯೂನಿಟ್ ಇದ್ದ ಮನೆಯ ಅರ್ಹತೆ 187. 2024ರ ಏಪ್ರಿಲ್‌ನಲ್ಲಿ ಜಾರಿಗೆ ಬಂದ ಯೂನಿಟ್ಟಿಗೆ 5 ರೂಪಾಯಿ 90 ಪೈಸೆ ದರ ಹಿಡಿದು ಲೆಕ್ಕ ಹಾಕಿ. ಆ ಮನೆ 199 ಯೂನಿಟ್ ಬಳಸಿದರೆ ಹೆಚ್ಚಾದ 12 ಯೂನಿಟ್ಟಿಗೆ 70 ರೂಪಾಯಿ 80 ಪೈಸೆ. 201 ಬಳಸಿದರೆ 1,185 ರೂಪಾಯಿ 90 ಪೈಸೆ! ನಿಗದಿತ ಶುಲ್ಕ, ತೆರಿಗೆ ಬೇರೆ. ಎರಡೇ ಯೂನಿಟ್ಟಿಗೆ ಇಷ್ಟು ಅಂತರ. ದರ ಕಾಲಕಾಲಕ್ಕೆ ಬದಲಾಗುತ್ತದೆ, ನಿಮ್ಮ ಬಿಲ್ಲಿನಲ್ಲಿರುವುದನ್ನೇ ನೋಡಿಕೊಳ್ಳಿ. ಲೆಕ್ಕದ ರೀತಿ ಮಾತ್ರ ಇದೇ.

ಇಲ್ಲೊಂದು ಪ್ರಶ್ನೆ ಏಳುತ್ತದೆ. ಫ್ಯಾನು, ಫ್ರಿಜ್ಜು, ಗೀಸರು ಎಲ್ಲ ಇದ್ದು 170 ಯೂನಿಟ್ ಬಳಸುತ್ತಿದ್ದ ಮನೆಗೆ 187 ಯೂನಿಟ್ ಉಚಿತ. ದುಡ್ಡಿಗೆ ಹೆದರಿ ಎರಡು ಬಲ್ಬಿನಲ್ಲಿ ದಿನ ದೂಡಿ 30 ಯೂನಿಟ್ ಬಳಸಿದ ಮನೆಗೆ 33. ಹಿಂದೆ ಬಿಗಿಹಿಡಿದವನಿಗೆ ಕಡಿಮೆ, ಧಾರಾಳವಾಗಿ ಬಳಸಿದವನಿಗೆ ಹೆಚ್ಚು ಎಂದಾಗಲಿಲ್ಲವೇ? ಮಿತಿ ಇಲ್ಲದಿದ್ದರೆ ವಿದ್ಯುತ್ ಪೋಲಾಗುತ್ತದೆ ಎಂಬ ವಾದದಲ್ಲಿ ಹುರುಳಿದೆ. ಆದರೆ ಈ ಆಕ್ಷೇಪದಲ್ಲೂ ಹುರುಳಿದೆ. 2024ರ ಜನವರಿಯಲ್ಲಿ ಸಚಿವ ಸಂಪುಟ ಒಂದು ತಿದ್ದುಪಡಿ ಮಾಡಿ, ಸರಾಸರಿ 48 ಯೂನಿಟ್ಟಿಗಿಂತ ಕಡಿಮೆ ಇರುವ ಮನೆಗಳಿಗೆ ಶೇಕಡಾ 10ರ ಬದಲು 10 ಯೂನಿಟ್ ಹೆಚ್ಚು ಕೊಡಲು ತೀರ್ಮಾನಿಸಿತು. ಆ ಲೆಕ್ಕದಲ್ಲಿ 30 ಯೂನಿಟ್ಟಿನ ಮನೆಗೆ 33 ಅಲ್ಲ, 40. ಗಾಯ ಪೂರ್ತಿ ಮಾಯಲಿಲ್ಲ, ಮುಲಾಮಂತೂ ಬಿತ್ತು.

ಬಾಡಿಗೆ ಮನೆಯವರ ಪಾಡು

ಮಕ್ಕಳ ಓದಿಗೆಂದು ಊರು ಬಿಟ್ಟು ಪೇಟೆಯಲ್ಲಿ ಬಾಡಿಗೆಗೆ ಇರುವವರು ಬಹಳ. ಬಾಡಿಗೆದಾರರಿಗೂ ಗೃಹಜ್ಯೋತಿ ಸಿಗುತ್ತದೆ. ಬಿಲ್ಲು ಮಾಲೀಕರ ಹೆಸರಿನಲ್ಲಿದ್ದರೂ ಅಡ್ಡಿಯಿಲ್ಲ. ಬಿಲ್ಲಿನಲ್ಲಿರುವ ಗ್ರಾಹಕರ ಖಾತೆ ಸಂಖ್ಯೆ, ವಾಸವಿರುವವರ ಆಧಾರ್, ಜೊತೆಗೆ ಬಾಡಿಗೆ ಕರಾರು ಪತ್ರ ಅಥವಾ ಆ ವಿಳಾಸವಿರುವ ಮತದಾರರ ಗುರುತಿನ ಚೀಟಿ ಬೇಕು. ಸೇವಾ ಸಿಂಧು ಜಾಲತಾಣದಲ್ಲಿ ನೀವೇ ಅರ್ಜಿ ಹಾಕಬಹುದು. ಇಲ್ಲವೇ ಗ್ರಾಮ ಒನ್, ಕರ್ನಾಟಕ ಒನ್, ಬೆಂಗಳೂರು ಒನ್ ಕೇಂದ್ರಗಳಿಗೆ ಹೋಗಬಹುದು. ‘ನಾನು ಮಾಡಿಸಿಕೊಡುತ್ತೇನೆ, ಐನೂರು ಕೊಡಿ’ ಎನ್ನುವ ಮಧ್ಯವರ್ತಿಯ ಅಗತ್ಯವಿಲ್ಲ. ಅರ್ಜಿಯ ಸ್ವೀಕೃತಿ ಸಂಖ್ಯೆಯನ್ನು ಬರೆದಿಟ್ಟುಕೊಳ್ಳುವುದನ್ನು ಮರೆಯಬೇಡಿ.

ಮನೆ ಬದಲಾಯಿಸಿದಾಗ ತೊಡಕು ಶುರು. ನಿಮ್ಮ ಆಧಾರ್ ಹಳೆಯ ಮನೆಯ ಮೀಟರಿಗೆ ಜೋಡಣೆಯಾಗಿಯೇ ಉಳಿದರೆ ಹೊಸ ಮನೆಗೆ ಸೌಲಭ್ಯ ಸಿಗದು. 2024ರಲ್ಲಿ ಈ ಜೋಡಣೆಯನ್ನು ಬಿಡಿಸುವ ಸೌಕರ್ಯ ಸೇವಾ ಸಿಂಧುವಿನಲ್ಲಿ ಬಂತು. ಆದ್ದರಿಂದ ಹಾಲಿನವರ, ಪೇಪರಿನವರ ಬಾಕಿ ತೀರಿಸುವಂತೆಯೇ ಮನೆ ಬಿಡುವಾಗ ಮೀಟರಿನ ನಂಟನ್ನೂ ಬಿಡಿಸಿ. ಹೊಸ ಮನೆಯಲ್ಲಿ ಹಿಂದಿದ್ದವರು ಬಿಡಿಸಿದ್ದಾರೆಯೇ ಎಂದು ವಿಚಾರಿಸಿ.

ಎಲ್ಲಕ್ಕಿಂತ ಕಷ್ಟದಲ್ಲಿರುವವರು ವಠಾರದವರು. ನಾಲ್ಕು ಸಂಸಾರಕ್ಕೆ ಒಂದೇ ಮೀಟರ್. ಒಂದೊಂದು ಮನೆ 60 ಯೂನಿಟ್ ಬಳಸಿದರೂ ಒಟ್ಟು 240. ಗಡಿ ದಾಟಿತು, ಯಾರಿಗೂ ಏನೂ ಇಲ್ಲ. ನೆರವು ಯಾರಿಗೆ ಹೆಚ್ಚು ಬೇಕೋ ಅವರಿಗೇ ಅದು ತಲುಪದ ಜಾಗ ಇದು. ಇದಕ್ಕೆ ಪರಿಹಾರ ಪ್ರತ್ಯೇಕ ಮೀಟರ್ ಒಂದೇ. ಕಟ್ಟಡದ ಮಾಲೀಕರಾಗಲಿ, ಅಲ್ಲಿ ವಾಸವಿರುವವರಾಗಲಿ ಅರ್ಜಿ ಹಾಕಿದರೆ ಸಂಪರ್ಕ ಕೊಡುವುದು ಕಂಪನಿಯ ಕರ್ತವ್ಯ ಎಂದು ವಿದ್ಯುತ್ ಕಾಯ್ದೆಯ 43ನೇ ಕಲಂನಲ್ಲಿದೆ. ಆದರೆ ಕಟ್ಟಡದ ಕಾಗದಪತ್ರಗಳು ಮಾಲೀಕರ ಬಳಿಯೇ ಇರುವುದರಿಂದ ಅವರೊಡನೆ ಜಗಳಕ್ಕಿಂತ ಮಾತುಕತೆ ಮೇಲು. ನಾಲ್ಕೂ ಮನೆಯವರು ಕೂಡಿ ಹೋಗಿ, ಖರ್ಚನ್ನು ಹಂಚಿಕೊಳ್ಳುವ ಮಾತಾಡಿ. ಮಾಲೀಕರೇ, ನಿಮಗೂ ಒಂದು ಮಾತು: ಬಾಡಿಗೆದಾರರಿಗೆ ಪ್ರತ್ಯೇಕ ಮೀಟರ್ ಇದ್ದರೆ ಪ್ರತಿ ತಿಂಗಳ ಬಿಲ್ಲಿನ ವ್ಯಾಜ್ಯ ತಪ್ಪುತ್ತದೆ.

ಬಿಲ್ಲು ತಪ್ಪಾಗಿದ್ದರೆ

ಮೊದಲು ಬಿಲ್ಲಿನಲ್ಲಿರುವ ಇಂದಿನ ಮಾಪನವನ್ನು ಮೀಟರಿನ ಅಂಕಿಯೊಡನೆ ಹೋಲಿಸಿ. ಅದರಿಂದ ಹಿಂದಿನ ಮಾಪನ ಕಳೆಯಿರಿ. ಬಿಲ್ಲು ಎಷ್ಟು ದಿನಗಳದ್ದು ಎಂಬುದನ್ನೂ ನೋಡಿ. ಮೀಟರ್ ಓದಲು ನಾಲ್ಕು ದಿನ ತಡವಾದರೆ ಆ ನಾಲ್ಕು ದಿನದ ಬಳಕೆಯೂ ಸೇರಿರುತ್ತದೆ. ಬಾಗಿಲು ಹಾಕಿದ್ದ ಕಾರಣ ಸರಾಸರಿ ಬಿಲ್ಲು ಬಂದಿದೆಯೇ ಎಂದೂ ಗಮನಿಸಿ.

ವ್ಯತ್ಯಾಸ ಕಂಡರೆ 1912ಕ್ಕೆ ಫೋನು ಮಾಡಿ ದೂರಿನ ಸಂಖ್ಯೆ ಪಡೆಯಿರಿ. ಜೊತೆಗೆ ಉಪವಿಭಾಗ ಕಚೇರಿಗೆ ಲಿಖಿತ ದೂರು ಕೊಟ್ಟು ಒಂದು ಪ್ರತಿಗೆ ಮೊಹರು ಹಾಕಿಸಿಕೊಳ್ಳಿ. ಅಲ್ಲಿ ಬಗೆಹರಿಯದಿದ್ದರೆ ಗ್ರಾಹಕರ ಕುಂದುಕೊರತೆ ನಿವಾರಣಾ ವೇದಿಕೆ ಇದೆ, ಅದರ ಮೇಲೆ ಓಂಬುಡ್ಸ್‌ಮನ್ ಇದ್ದಾರೆ. ಬಾಕಿಗಾಗಿ ಸಂಪರ್ಕ ಕಡಿಯಬೇಕಾದರೆ ಕಂಪನಿ 15 ದಿನಗಳ ಲಿಖಿತ ನೋಟಿಸ್ ಕೊಡಲೇಬೇಕು. ಮೊತ್ತದ ಬಗ್ಗೆ ತಕರಾರಿದ್ದರೆ ‘ಆಕ್ಷೇಪಣೆಯೊಂದಿಗೆ’ ಎಂದು ಬರೆದು ಆ ಮೊತ್ತವನ್ನೋ ಹಿಂದಿನ ಆರು ತಿಂಗಳ ಸರಾಸರಿಯ ಲೆಕ್ಕದ ಹಣವನ್ನೋ, ಎರಡರಲ್ಲಿ ಕಡಿಮೆಯಾದುದನ್ನು ಕಟ್ಟಿದರೆ ತಕರಾರು ತೀರುವವರೆಗೆ ಸಂಪರ್ಕ ಕಡಿಯುವಂತಿಲ್ಲ. ಇದು ಅದೇ ಕಾಯ್ದೆಯ 56ನೇ ಕಲಂ. ‘ಇಂದು ರಾತ್ರಿಯೇ ಕರೆಂಟು ಕಟ್, ಈ ನಂಬರಿಗೆ ಫೋನು ಮಾಡಿ’ ಎಂದು ಮೊಬೈಲಿಗೆ ಬರುವ ಸಂದೇಶ ವಂಚಕರದ್ದು ಎಂದು ಗುರುತಿಸಲು ಈ ನಿಯಮವೊಂದು ಗೊತ್ತಿದ್ದರೆ ಸಾಕು.

ಓದುವ ದೀಪ ಆರಿಸಬೇಡಿ

ಕೊನೆಯದಾಗಿ ಪೋಷಕರಲ್ಲಿ ಒಂದು ಅರಿಕೆ. ಬಿಲ್ಲಿನ ಚಿಂತೆ ಹತ್ತಿದ ಮನೆಯಲ್ಲಿ ಮೊದಲು ಆರುವುದು ಮಕ್ಕಳ ಓದಿನ ದೀಪ. ‘ಕರೆಂಟು ಸುಮ್ಮನೆ ಉರಿಯುತ್ತಿದೆ, ಮಲಗು’ ಎಂಬ ಮಾತು ಪರೀಕ್ಷೆಯ ದಿನಗಳಲ್ಲೂ ಕೇಳುತ್ತದೆ. ಲೆಕ್ಕ ಏನು ಹೇಳುತ್ತದೆ ನೋಡಿ. 1,000 ವ್ಯಾಟಿನ ಉಪಕರಣ ಒಂದು ಗಂಟೆ ಉರಿದರೆ ಒಂದು ಯೂನಿಟ್. 9 ವ್ಯಾಟಿನ ಎಲ್‌ಇಡಿ ಬಲ್ಬು ದಿನಕ್ಕೆ 4 ಗಂಟೆಯಂತೆ 30 ದಿನ ಉರಿದರೆ ಒಂದು ಯೂನಿಟ್ಟಿಗಿಂತ ತುಸು ಹೆಚ್ಚು, ಅಷ್ಟೇ. ಹಳೆಯ 60 ವ್ಯಾಟಿನ ಬಲ್ಬಾದರೆ 7 ಯೂನಿಟ್ ದಾಟುತ್ತದೆ. 75 ವ್ಯಾಟಿನ ಫ್ಯಾನು ದಿನಕ್ಕೆ 10 ಗಂಟೆ ತಿರುಗಿದರೆ ತಿಂಗಳಿಗೆ ಇಪ್ಪತ್ತೆರಡೂವರೆ ಯೂನಿಟ್. 2,000 ವ್ಯಾಟಿನ ಗೀಸರು ದಿನಕ್ಕೆ ಅರ್ಧ ಗಂಟೆ ನಡೆದರೆ 30 ಯೂನಿಟ್.

ಉಳಿತಾಯ ಬಚ್ಚಲಮನೆಯಲ್ಲಿದೆ, ಯಾರೂ ಇಲ್ಲದ ಕೋಣೆಯಲ್ಲಿ ತಿರುಗುವ ಫ್ಯಾನಿನಲ್ಲಿದೆ, ಇನ್ನೂ ಬದಲಿಸದ ಹಳೆಯ ಬಲ್ಬಿನಲ್ಲಿದೆ. ಓದುವ ಮೇಜಿನ ಮೇಲಿಲ್ಲ. ಪರೀಕ್ಷೆಗಳು ಬರುವ ಮಾರ್ಚ್, ಏಪ್ರಿಲ್ ತಿಂಗಳುಗಳಲ್ಲೇ ಸೆಖೆಯೂ ಏರಿ ಫ್ಯಾನಿನ ಬಳಕೆ ಹೆಚ್ಚುತ್ತದೆ. ಆ ಎರಡು ತಿಂಗಳಾದರೂ ವಾರಕ್ಕೊಮ್ಮೆ, ಭಾನುವಾರ ಬೆಳಿಗ್ಗೆ, ಮೀಟರಿನ ಅಂಕಿಯನ್ನು ಒಂದು ನೋಟ್ ಬುಕ್ಕಿನಲ್ಲಿ ಬರೆಯಿರಿ. ತಿಂಗಳ ನಡುವೆಯೇ ಅರ್ಹತೆಯ ಅರ್ಧ ದಾಟಿದ್ದರೆ ಎಚ್ಚರವಾಗಲು ಇನ್ನೂ ಹದಿನೈದು ದಿನವಿರುತ್ತದೆ. ಬಿಲ್ಲು ಬಂದ ಮೇಲೆ ಎಚ್ಚರವಾದರೆ ಕಟ್ಟುವುದೊಂದೇ ಉಳಿದ ದಾರಿ.