ಆಟದ ಗೊಂಬೆಗೆ ಬೀಗ ಯಾಕೆ?



ಕಂಪ್ಯೂಟರ್ ಆಟ ಅಂದ್ರೆ ಬರೀ ಕಾಲಹರಣ ಅಂತ ದೊಡ್ಡವರು ಬೈಯುತ್ತಾರೆ. ಆದರೆ ಆಟದಲ್ಲಿ ಓಡಾಡುವ ಗೊಂಬೆಯನ್ನು ಬಿಚ್ಚಿ ನೋಡಿದರೆ ಒಳಗಿರೋದು ನಮ್ಮ ಗಣಿತವೇ. ಅದಕ್ಕೆ ಮಾಡೆಲ್ ಅಂತಾರೆ. ಚಿಕ್ಕ ಚಿಕ್ಕ ತ್ರಿಭುಜಗಳನ್ನು ಜೋಡಿಸಿ ಅದನ್ನು ಮಾಡಿರುತ್ತಾರೆ.

ತೊಂದರೆ ಏನಂದ್ರೆ, ಎಷ್ಟೋ ಆಟದವರು ತಮ್ಮದೇ ರೀತಿಯ ಫೈಲಿನಲ್ಲಿ ಗೊಂಬೆಯನ್ನು ಇಡುತ್ತಾರೆ. ಬೇರೆ ತಂತ್ರಾಂಶದಲ್ಲಿ ಅದು ತೆರೆಯೋದೇ ಇಲ್ಲ. ಹಿಂದೆ ಊರಿಗೊಂದು ಸೇರು ಇತ್ತಂತೆ, ಹಾಗೆಯೇ ಇದು.

ಒಂದು ಉದಾಹರಣೆ ನೋಡೋಣ. 1996ರಲ್ಲಿ ಅಮೆರಿಕದ ಇಡ್ ಸಾಫ್ಟ್‌ವೇರ್ ಕಂಪನಿ 'ಕ್ವೇಕ್' ಎಂಬ ಆಟ ತಂದಿತು. ಅದರ ಗೊಂಬೆಗಳು ಎಂ.ಡಿ.ಎಲ್. ಎಂಬ ಫೈಲಿನಲ್ಲಿವೆ. ಜಾಗ ಉಳಿಸಲು ಪ್ರತಿ ಬಿಂದುವಿನ ಉದ್ದ, ಅಗಲ, ಎತ್ತರದ ಅಳತೆಗಳನ್ನು 0ಯಿಂದ 255ರೊಳಗಿನ ಅಂಕಿಯಾಗಿ ಬರೆದಿದ್ದಾರೆ. ಅದೇ ಫೈಲಿನಲ್ಲಿ ಕೊಟ್ಟಿರುವ ಒಂದು ಸಂಖ್ಯೆಯಿಂದ ಗುಣಿಸಿ, ಇನ್ನೊಂದನ್ನು ಕೂಡಿಸಿದರೆ ನಿಜವಾದ ಅಳತೆ ಸಿಗುತ್ತೆ. ಅದನ್ನು ಓ.ಬಿ.ಜೆ. ಫೈಲಾಗಿ ಬರೆದುಕೊಂಡರೆ 'ಬ್ಲೆಂಡರ್' ಅನ್ನೋ ಉಚಿತ ತಂತ್ರಾಂಶದಲ್ಲಿ ತೆರೆದು ತಿದ್ದಬಹುದು. ಓ.ಬಿ.ಜೆ. ಬರೀ ಅಕ್ಷರ, ಅಂಕಿಗಳ ಫೈಲು. ನಾವೂ ಓದಬಹುದು! ಆದರೆ ಅದರಲ್ಲಿ ಗೊಂಬೆ ಒಂದೇ ಭಂಗಿಯಲ್ಲಿ ನಿಂತಿರುತ್ತೆ. ಕೈಕಾಲು ಆಡಿಸುವುದೂ ಬೇಕಾದರೆ 2017ರಲ್ಲಿ ಬಂದ ಜಿ.ಎಲ್.ಟಿ.ಎಫ್. 2.0 ಎಂಬ ಫೈಲಿದೆ.

ಕ್ವೇಕ್ ಆಟದ ಪ್ರೋಗ್ರಾಂ ಹೇಗೆ ಬರೆದಿದ್ದಾರೆ ಎಂಬುದನ್ನು ಕಂಪನಿಯವರೇ 1999ರಲ್ಲಿ ಎಲ್ಲರಿಗೂ ಬಿಟ್ಟುಕೊಟ್ಟರು. ಆದ್ದರಿಂದ ಆ ಗೊಂಬೆಗಳನ್ನು ತೆರೆಯುವ ದಾರಿ ಕಳೆದುಹೋಗಿಲ್ಲ. ಹಾಗೆ ಬಿಟ್ಟುಕೊಡದ ಆಟಗಳ ಗತಿ ಏನು? ಒಂದೊಂದು ಅಂಕಿಯನ್ನೂ ಊಹಿಸುತ್ತಾ ಕೂರಬೇಕು. ಊಹೆ ಫಲಿಸದಿದ್ದರೆ, ಯಾರೋ ತಿಂಗಳುಗಟ್ಟಲೆ ಕೂತು ಮಾಡಿದ ಗೊಂಬೆ ಇದ್ದೂ ಇಲ್ಲದ ಹಾಗೆ. ಆದ್ದರಿಂದ ಆಟ ಹಳೆಯದಾದ ಮೇಲಾದರೂ ಫೈಲನ್ನು ಓದುವ ರೀತಿಯನ್ನು ಕಂಪನಿಗಳು ತಿಳಿಸಲೇಬೇಕು ಅಂತ ನನ್ನ ಅಭಿಪ್ರಾಯ.

"ಬೀಗ ತೆಗೆದರೆ ಕಳ್ಳತನ ಆಗಲ್ವಾ?" ಅಂತ ಕೆಲವರು ಕೇಳಬಹುದು. ಕ್ವೇಕ್ ಪ್ರೋಗ್ರಾಂ ಬಿಟ್ಟುಕೊಟ್ಟಾಗಲೂ ಗೊಂಬೆಗಳ ಹಕ್ಕನ್ನು ಕಂಪನಿ ಬಿಟ್ಟುಕೊಡಲಿಲ್ಲ. ಲೈಬ್ರರಿ ಪುಸ್ತಕ ಓದಿದ ಮಾತ್ರಕ್ಕೆ ಅದು ನಮ್ಮದಾಗುತ್ತದೆಯೇ? ಬಿಚ್ಚಿ ನೋಡಿ ಕಲಿಯೋದು ಬೇರೆ, ಕೇಳದೆ ಮಾರೋದು ಬೇರೆ. ಮಾರುವವರನ್ನು ತಡೆಯಲು ಕಾನೂನು ಇದೆ. ಅದಕ್ಕಾಗಿ ಕಲಿಯುವವರಿಗೂ ಬಾಗಿಲು ಹಾಕೋದು ನ್ಯಾಯವಲ್ಲ.

ಬ್ಲೆಂಡರಿಗೆ ದುಡ್ಡು ಕೊಡಬೇಕಾಗಿಲ್ಲ. ಫೈಲು ತೆರೆದರೆ ಹಳ್ಳಿ ಶಾಲೆಯ ನಾವೂ ಗೊಂಬೆ ಮಾಡೋದನ್ನು ಕಲಿಯಬಹುದು. ಬರೀ ಆಡುವವರಾಗಿ ಯಾಕೆ ಉಳಿಯಬೇಕು? ನೀವೇನಂತೀರಿ?

– ಏಳನೇ ತರಗತಿ ವಿದ್ಯಾರ್ಥಿನಿ