ಕಾಲುವೆಯ ಕೊನೆಗೆ ನೂರು ಜಿಬಿ

ಇವತ್ತಿನ ದೊಡ್ಡ ಕನ್ಸೋಲ್ ಗೇಮ್ ಒಂದರ ಗಾತ್ರ 100 ಜಿಬಿ ಆಸುಪಾಸು. 2019ರಲ್ಲಿ ಬಂದ ‘ಕಾಲ್ ಆಫ್ ಡ್ಯೂಟಿ: ಮಾಡರ್ನ್ ವಾರ್‌ಫೇರ್’ ಅಪ್‌ಡೇಟ್ ಮೇಲೆ ಅಪ್‌ಡೇಟ್ ಸೇರಿ 200 ಜಿಬಿಯನ್ನೂ ದಾಟಿತು. ಬೆಂಗಳೂರಿನ ಅಪಾರ್ಟ್‌ಮೆಂಟಿನಲ್ಲಿ ಫೈಬರ್ ಹಾಕಿಸಿಕೊಂಡವರಿಗೆ ಇದು ಒಂದು ರಾತ್ರಿಯ ಮಾತು. ರಾಯಚೂರು ಜಿಲ್ಲೆಯ ಸಿರವಾರದಲ್ಲೋ ದೇವದುರ್ಗದ ಹಳ್ಳಿಯಲ್ಲೋ ಮೊಬೈಲ್ ಹಾಟ್‌ಸ್ಪಾಟನ್ನೇ ನಂಬಿದವರ ಲೆಕ್ಕ ಬೇರೆ. ದಿನಕ್ಕೆ 2 ಜಿಬಿಯ ರೀಚಾರ್ಜಿನಲ್ಲಿ 100 ಜಿಬಿ ಇಳಿಸಿಕೊಳ್ಳಲು 50 ದಿನ ಬೇಕು. ಅದೂ ಅಷ್ಟೂ ದಿನ ಆ ಫೋನಿನಲ್ಲಿ ಯಾರೂ ಒಂದು ರೀಲ್ಸ್ ಕೂಡ ನೋಡದಿದ್ದರೆ. 10 ಎಂಬಿಪಿಎಸ್‌ನ ಬ್ರಾಡ್‌ಬ್ಯಾಂಡ್ ಇದೆ ಅಂದುಕೊಳ್ಳೋಣ, ಆಗಲೂ 22 ಗಂಟೆ ಹಿಡಿಯುತ್ತದೆ, ಕರೆಂಟು ಕೈಕೊಡದಿದ್ದರೆ. ಅದೇ ಗೇಮ್ ಪಕ್ಕದಲ್ಲಿರುವ ಎಕ್ಸ್‌ಟರ್ನಲ್ ಹಾರ್ಡ್ ಡಿಸ್ಕಿನಲ್ಲಿದ್ದರೆ ಕನ್ಸೋಲಿಗೆ ಬರಲು ಅರ್ಧ ಗಂಟೆ ಸಾಕು. 50 ದಿನಕ್ಕೂ ಅರ್ಧ ಗಂಟೆಗೂ ಇರುವ ಈ ಅಂತರವನ್ನು ಕನ್ಸೋಲ್ ಕಂಪನಿಗಳು ಇನ್ನೂ ಗಂಭೀರವಾಗಿ ತೆಗೆದುಕೊಂಡಿಲ್ಲ. ಅವರ ಪಾಲಿಗೆ ಆ ಡ್ರೈವ್ ಬೇಕಿದ್ದರೆ ಕೊಳ್ಳಬಹುದಾದ ಹೆಚ್ಚುವರಿ ಸಾಮಾನು. ನಮ್ಮ ಕಡೆ ಅದು ಗೇಮ್ ಮನೆಗೆ ಬಂದು ಮುಟ್ಟುವ ದಾರಿಯೇ ಆಗಬೇಕಾಗಿದೆ, ಮತ್ತು ಅದನ್ನು ಅಧಿಕೃತ ದಾರಿಯೆಂದು ಅವರು ಒಪ್ಪಿಕೊಳ್ಳಬೇಕು ಎಂಬುದು ನನ್ನ ವಾದ.

ಜಾಗದ ಕೊರತೆ ಎಲ್ಲಿಂದ ಶುರುವಾಗುತ್ತದೆ ನೋಡಿ. ಪ್ಲೇಸ್ಟೇಷನ್ 5 ಮೊದಲು ಬಂದಾಗ ಅದರ ಎಸ್‌ಎಸ್‌ಡಿ 825 ಜಿಬಿ. ಸಿಸ್ಟಂ ತನ್ನ ಪಾಲು ತೆಗೆದುಕೊಂಡ ಮೇಲೆ ಗೇಮ್‌ಗಳಿಗೆ ಉಳಿಯುತ್ತಿದ್ದುದು ಸುಮಾರು 667 ಜಿಬಿ. ಅಗ್ಗದ ಕನ್ಸೋಲ್ ಎಂದು ನಮ್ಮಲ್ಲಿ ಹೆಚ್ಚು ಜನ ಕಣ್ಣು ಹಾಕಿದ ಎಕ್ಸ್‌ಬಾಕ್ಸ್ ಸೀರೀಸ್ ಎಸ್‌ನದು 512 ಜಿಬಿ, ಕೈಗೆ ಸಿಗುವುದು 364 ಜಿಬಿ. ಅದಕ್ಕೆ ಡಿಸ್ಕ್ ಹಾಕುವ ಕಿಂಡಿಯೂ ಇಲ್ಲ, ಪ್ರತಿಯೊಂದನ್ನೂ ಇಂಟರ್‌ನೆಟ್‌ನಿಂದಲೇ ಇಳಿಸಬೇಕು. ಅಂದರೆ ಕಡಿಮೆ ದುಡ್ಡಿರುವವರಿಗೆ ಮಾರುವ ಯಂತ್ರವೇ ಹೆಚ್ಚು ಡೇಟಾ ಬೇಡುತ್ತದೆ. ಮೂರು ದೊಡ್ಡ ಗೇಮ್ ತುಂಬಿಸಿದರೆ ನಾಲ್ಕನೆಯದಕ್ಕೆ ‘ಜಾಗ ಸಾಲದು, ಏನಾದರೂ ಡಿಲೀಟ್ ಮಾಡಿ’ ಎಂಬ ಸೂಚನೆ ಬರುತ್ತದೆ. ಡಿಲೀಟ್ ಮಾಡಿದರೇನು, ಬೇಕೆಂದಾಗ ಮತ್ತೆ ಇಳಿಸಿಕೊಳ್ಳಬಹುದಲ್ಲ ಎಂಬುದು ಈ ಸೂಚನೆಯ ಹಿಂದಿರುವ ನಂಬಿಕೆ. ಆ ನಂಬಿಕೆ ಹುಟ್ಟಿದ್ದು ಡೇಟಾಕ್ಕೆ ದಿನದ ಮಿತಿಯೇ ಇಲ್ಲದ ಊರುಗಳಲ್ಲಿ.

ಮಾನ್ವಿಯಿಂದ ಬೇರೆಯಾಗಿ ತಾಲ್ಲೂಕಾದ ಸಿರವಾರದ ರೈತರಿಗೆ ಈ ಮಾತನ್ನು ಬಿಡಿಸಿ ಹೇಳಬೇಕಾಗಿಲ್ಲ. ತುಂಗಭದ್ರಾ ಎಡದಂಡೆ ಕಾಲುವೆಯಲ್ಲಿ ನೀರು ಬಿಟ್ಟ ಸುದ್ದಿ ಒಂದು ದಿನ ಬಂದರೆ, ಆ ನೀರು ಕೆಳಭಾಗದ ಹೊಲ ಮುಟ್ಟುವುದು ಇನ್ನೆಂದೋ. ಮೇಲ್ಭಾಗದಲ್ಲಿ ಗದ್ದೆ ತುಂಬಿದ ಮೇಲೆ ಉಳಿದದ್ದು ಇವರ ಪಾಲು. ಕಾಲುವೆಯಲ್ಲಿ ನೀರಿನ ಮಟ್ಟ (ಗೇಜ್) ಕಾಯ್ದುಕೊಳ್ಳಿ ಎಂದು ರಸ್ತೆಗಿಳಿಯುವುದು ಇಲ್ಲಿ ವರ್ಷವರ್ಷದ ಕೆಲಸ. ಹಾಗಾಗಿ ಬಂದಾಗ ಹಿಡಿದಿಟ್ಟುಕೊಳ್ಳಲು ಕೃಷಿ ಹೊಂಡ ಬೇಕು. ಮೇಲ್ಭಾಗದವನಿಗೆ ಹೊಂಡ ಅನುಕೂಲ ಮಾತ್ರ, ಕೊನೆಯಲ್ಲಿರುವವನಿಗೆ ಅದಿಲ್ಲದೆ ಬೆಳೆಯೇ ಇಲ್ಲ. ಡೇಟಾದ ಕಾಲುವೆಯಲ್ಲೂ ಈ ಊರುಗಳು ಇರುವುದು ಅದೇ ತುದಿಯಲ್ಲಿ.

ಕಂಪನಿಗಳು ಹೊಂಡ ತೋಡಲು ಬಿಟ್ಟೇ ಇಲ್ಲವೆಂದಲ್ಲ. ಎಕ್ಸ್‌ಬಾಕ್ಸ್ ಒನ್‌ಗೆ ಹೊರಗಿನ ಡ್ರೈವ್ ಜೋಡಿಸುವ ಸೌಲಭ್ಯ 2014ರ ಜೂನ್‌ನಲ್ಲೇ ಬಂತು. ಪ್ಲೇಸ್ಟೇಷನ್ 4ಕ್ಕೆ ಬರಲು 2017ರ ಮಾರ್ಚ್‌ವರೆಗೆ ಕಾಯಬೇಕಾಯಿತು. ಪ್ಲೇಸ್ಟೇಷನ್ 5ರ ಗೇಮ್‌ಗಳನ್ನು ಯುಎಸ್‌ಬಿ ಡ್ರೈವ್‌ಗೆ ಸಾಗಿಸಿಡಲು 2021ರ ಏಪ್ರಿಲ್‌ನಲ್ಲಿ ಅನುಮತಿ ಸಿಕ್ಕಿತು, ಆದರೆ ಸಾಗಿಸಿಡಲು ಮಾತ್ರ. ಆಡಬೇಕೆಂದರೆ ವಾಪಸ್ ಒಳಗೆ ತರಬೇಕು. ಇದರಲ್ಲಿ ತಾಂತ್ರಿಕ ಕಾರಣ ನಿಜವಾಗಿಯೂ ಇದೆ. ಒಳಗಿನ ಎಸ್‌ಎಸ್‌ಡಿ ಸೆಕೆಂಡಿಗೆ 5.5 ಜಿಬಿ ಓದುತ್ತದೆ, ಸಾಮಾನ್ಯ ಹಾರ್ಡ್ ಡಿಸ್ಕ್ ಸೆಕೆಂಡಿಗೆ 100 ಎಂಬಿ ದಾಟಲು ಏದುಸಿರು ಬಿಡುತ್ತದೆ. ಹೊಸ ಗೇಮ್‌ಗಳನ್ನು ಆ ವೇಗ ನಂಬಿಯೇ ಕಟ್ಟಿರುತ್ತಾರೆ. ಅದನ್ನು ಆಕ್ಷೇಪಿಸುವುದರಲ್ಲಿ ಅರ್ಥವಿಲ್ಲ. ಪ್ಲೇಸ್ಟೇಷನ್ 4ರ ಹಳೆಯ ಗೇಮ್‌ಗಳು ಹೊರಗಿನ ಡ್ರೈವ್‌ನಿಂದಲೇ ಚೆನ್ನಾಗಿ ಓಡುತ್ತವೆ, ಅವನ್ನೆಲ್ಲ ಅಲ್ಲಿಗೆ ತಳ್ಳಿ ಒಳಗಿನ ಜಾಗವನ್ನು ಹೊಸವಕ್ಕೆ ಬಿಟ್ಟುಕೊಟ್ಟರೆ ಅರ್ಧ ಸಮಸ್ಯೆ ಮುಗಿಯಿತು. ತೊಡಕು ಬರುವುದು ಸಣ್ಣಪುಟ್ಟ ವಿಷಯಗಳಲ್ಲಿ, ಅವನ್ನು ಯಾರೂ ದೊಡ್ಡಕ್ಷರದಲ್ಲಿ ಬರೆಯುವುದಿಲ್ಲ. ಮೊದಲ ಪ್ಲೇಸ್ಟೇಷನ್ 5ರ ಮುಂಭಾಗದಲ್ಲಿರುವ ಚಪ್ಪಟೆ ಯುಎಸ್‌ಬಿ ಕಿಂಡಿ ಹಳೆಯ ವೇಗದ್ದು. ಡ್ರೈವನ್ನು ಹಿಂಭಾಗದ ಕಿಂಡಿಗೆ ಹಾಕಬೇಕು, ನಡುವೆ ಯುಎಸ್‌ಬಿ ಹಬ್ ಇರಕೂಡದು, ಡ್ರೈವ್ ಕನಿಷ್ಠ 250 ಜಿಬಿಯದ್ದಾಗಿರಬೇಕು. ಗೇಮ್ ಡ್ರೈವ್‌ಗೆ ಹೋದರೂ ಆಟದ ಪ್ರಗತಿಯ ಸೇವ್ ಫೈಲ್ ಕನ್ಸೋಲಿನಲ್ಲೇ ಉಳಿಯುತ್ತದೆ, ಕನ್ಸೋಲ್ ಮಾರುವಾಗ ಇದನ್ನು ಮರೆತವರು ಪರಿತಪಿಸುತ್ತಾರೆ. ಇನ್ನೊಂದು ಅಪಾಯ: ಕನ್ಸೋಲ್ ತನ್ನದೇ ರೀತಿಯಲ್ಲಿ ಫಾರ್ಮ್ಯಾಟ್ ಮಾಡಿಕೊಂಡ ಡ್ರೈವನ್ನು ವಿಂಡೋಸ್ ಕಂಪ್ಯೂಟರಿಗೆ ಹಾಕಿದರೆ ‘ಫಾರ್ಮ್ಯಾಟ್ ಮಾಡಲೇ?’ ಎಂಬ ಪೆಟ್ಟಿಗೆ ತೆರೆದುಕೊಳ್ಳುತ್ತದೆ. ಮನೆಯಲ್ಲಿ ಯಾರಾದರೂ ಹೂಂ ಎಂದು ಒತ್ತಿದರೆ ತಿಂಗಳುಗಟ್ಟಲೆಯ ಡೇಟಾ ಅಲ್ಲಿಗೆ ಖತಂ.

ಆದರೆ ಕಂಪ್ಯೂಟರಿಗೆ ಆ ಡ್ರೈವ್ ಓದಲಾಗದು ಎಂಬುದರಲ್ಲೇ ನನ್ನ ವಾದದ ತಿರುಳಿದೆ. ಡ್ರೈವ್‌ನಲ್ಲಿರುವ 100 ಜಿಬಿ ಗೂಢಲಿಪಿಯಲ್ಲಿ ಬೀಗ ಹಾಕಿಟ್ಟ ಮಾಹಿತಿ. ಬೀಗದ ಕೈ ಇರುವುದು ಕೊಂಡವರ ಖಾತೆಯಲ್ಲಿ. ಎಕ್ಸ್‌ಬಾಕ್ಸ್‌ನಲ್ಲಂತೂ ಗೇಮ್ ತುಂಬಿದ ಡ್ರೈವನ್ನು ಗೆಳೆಯರ ಮನೆಯ ಎಕ್ಸ್‌ಬಾಕ್ಸಿಗೆ ಚುಚ್ಚಿ, ಆ ಗೇಮ್ ಕೊಂಡ ಖಾತೆಯಿಂದ ಲಾಗಿನ್ ಆದರೆ ಆಡಬಹುದು; ಖಾತೆ ಇಲ್ಲದವರಿಗೆ ಅದು ಬರೀ ಭಾರ. ಭಾರವಾದದ್ದು ಬೀಗದ ಪೆಟ್ಟಿಗೆ, ಬೆಲೆಯಿರುವುದು ಬೀಗದ ಕೈಗೆ. ಪೆಟ್ಟಿಗೆಗೆ 100 ಜಿಬಿ ಬೇಕು, ಬೀಗದ ಕೈಗೆ ಯಾವ ಪ್ಲಾನಿನ ಡೇಟಾವಾದರೂ ಸಾಕು. ಹಾಗಿದ್ದ ಮೇಲೆ ಪೆಟ್ಟಿಗೆಯನ್ನೂ ಇಂಟರ್‌ನೆಟ್ ಮೂಲಕವೇ ಹೊತ್ತು ತರಬೇಕೆಂಬ ಹಟ ಏಕೆ? ರಾಯಚೂರಿನ ಅಧಿಕೃತ ಮಾರಾಟ ಮಳಿಗೆಯಲ್ಲಿ ಒಮ್ಮೆ ಇಳಿಸಿಟ್ಟುಕೊಂಡ ಗೇಮನ್ನು ಗ್ರಾಹಕರ ಡ್ರೈವಿಗೆ ತುಂಬಿ ಕಳಿಸಲಿ, ಗ್ರಾಹಕರು ಸಿರವಾರಕ್ಕೆ ಬಂದು ತಮ್ಮ ಖಾತೆಯಿಂದ ಕೊಂಡು ಆಡಲಿ. ಬೆಂಗಳೂರಿನಲ್ಲಿ ದುಡಿಯುತ್ತಾ ಉಗಾದಿಗೋ ಮೊಹರಮ್ಮಿಗೋ ಊರಿಗೆ ಬರುವ ಹುಡುಗರು ಬ್ಯಾಗಿನಲ್ಲಿ ಒಂದು ಡ್ರೈವ್ ಹಾಕಿಕೊಂಡು ಬಂದರೂ ಇದೇ ಕೆಲಸವಾಗುತ್ತದೆ. ಆದರೆ ನಾಲ್ಕು ಜನಕ್ಕೆ ಗೊತ್ತಿರುವ ಉಪಾಯವನ್ನು ವ್ಯವಸ್ಥೆ ಎನ್ನಲಾಗದು. ಅಂಗಡಿಯವನಿಗೆ ಲಿಖಿತ ಅನುಮತಿ ಇದ್ದರೆ ಮಾತ್ರ ಅದು ವ್ಯವಸ್ಥೆ.

‘ಮೆಮೊರಿ ಕಾರ್ಡಿಗೆ ಹಾಡು ತುಂಬಿಸುವ ಅಂಗಡಿಗಳು ಮತ್ತೆ ಬರುತ್ತವೆ’ ಎಂಬುದು ಇದಕ್ಕೆ ಬರುವ ಮೊದಲ ಆಕ್ಷೇಪ. 2016ರ ಸೆಪ್ಟೆಂಬರ್‌ನಲ್ಲಿ ಜಿಯೊ ಬಂದು ಡೇಟಾ ಅಗ್ಗವಾಗುವ ಮೊದಲು ನಮ್ಮ ಬಸ್ ಸ್ಟ್ಯಾಂಡ್‌ಗಳ ಸುತ್ತ ಇಂಥ ಮೊಬೈಲ್ ಅಂಗಡಿಗಳಿಗೆ ಬರವಿರಲಿಲ್ಲ. ಕಾರ್ಡ್ ಕೊಟ್ಟರೆ ಜಾನಪದ ಗೀತೆ, ತತ್ವಪದ, ಹೊಸ ಸಿನಿಮಾ ಎಲ್ಲ ತುಂಬಿ ಕೊಡುತ್ತಿದ್ದರು. ಹಾಡಿದವರಿಗೆ ಅದರಿಂದ ಒಂದು ಪೈಸೆ ಹೋಗುತ್ತಿರಲಿಲ್ಲ. ಆಕ್ಷೇಪ ಹಗುರವಾದದ್ದಲ್ಲ. ಆದರೆ ಆ ಎಂಪಿ3ಗೆ ಬೀಗವೇ ಇರಲಿಲ್ಲ, ಕಾರ್ಡ್ ಕೈಗೆ ಬಂದರೆ ಹಾಡು ಕೈಗೆ ಬಂದಂತೆ. ಕನ್ಸೋಲ್ ಗೇಮಿನ ಪ್ರತಿ ನೂರು ಕಡೆ ಹರಡಿದರೂ ಕೊಂಡ ಖಾತೆ ಇಲ್ಲದೆ ಒಂದು ಕಡೆಯೂ ತೆರೆಯುವುದಿಲ್ಲ. ಬೀಗ ಮುರಿದ ಕನ್ಸೋಲ್‌ಗಳಲ್ಲಿ ಕದ್ದ ಗೇಮ್ ಆಡುವವರು ಇದ್ದಾರೆ, ಇರುತ್ತಾರೆ. ಅವರಿಗೆ ಅಧಿಕೃತ ಅಂಗಡಿಯ ಹಂಗು ಎಂದೂ ಇರಲಿಲ್ಲ. ಇದನ್ನು ಕಂಪನಿಗಳೂ ಬಲ್ಲವು. ಒಂದೇ ಮನೆಯ ಎರಡು ಎಕ್ಸ್‌ಬಾಕ್ಸ್‌ಗಳ ನಡುವೆ ಮನೆಯ ವೈಫೈ ಮೂಲಕವೇ ಗೇಮ್ ನಕಲು ಮಾಡಲು ಮೈಕ್ರೊಸಾಫ್ಟ್ ತಾನೇ ಸೌಲಭ್ಯ ಕೊಟ್ಟಿದೆ.

ಕಂಪನಿಗಳು ಹಿಡಿದ ಪಟ್ಟು ಬಿಡುವುದಿಲ್ಲ ಎನ್ನುವವರಿಗೆ 2013ರ ಜೂನ್ ತಿಂಗಳನ್ನು ನೆನಪಿಸಬೇಕು. ಎಕ್ಸ್‌ಬಾಕ್ಸ್ ಒನ್ 24 ಗಂಟೆಗೊಮ್ಮೆ ಇಂಟರ್‌ನೆಟ್‌ಗೆ ಹೋಗಿ ಹಾಜರಿ ಹಾಕಿ ಬರಬೇಕು, ಇಲ್ಲದಿದ್ದರೆ ಗೇಮ್ ಓಡದು ಎಂದು ಮೈಕ್ರೊಸಾಫ್ಟ್ ಸಾರಿತ್ತು. ಗ್ರಾಹಕರು ಸಿಟ್ಟಾದರು, ಅದೇ ತಿಂಗಳಲ್ಲಿ ಕಂಪನಿ ಮಾತು ಹಿಂದಕ್ಕೆ ಪಡೆಯಿತು. ಪ್ಲೇಸ್ಟೇಷನ್ 4ರ ಒಳಗಿನ ಪುಟ್ಟ ಗಡಿಯಾರದ ಬ್ಯಾಟರಿ ಸತ್ತು, ಸರ್ವರ್ ಕೂಡ ಸಿಗದಿದ್ದರೆ ಗೇಮ್‌ಗಳು ತೆರೆಯುವುದೇ ಇಲ್ಲ ಎಂಬುದು ಬಯಲಾದಾಗಲೂ ಅಷ್ಟೆ. ಸೋನಿ 2021ರಲ್ಲಿ ಸದ್ದಿಲ್ಲದೆ ಸಾಫ್ಟ್‌ವೇರ್ ಬದಲಿಸಿತು. ಹಾಗೆಂದು ಡ್ರೈವ್‌ನಲ್ಲಿದ್ದರೆ ಗೇಮ್ ಎಂದೆಂದಿಗೂ ನಮ್ಮದು ಎಂಬ ಭ್ರಮೆಯೂ ಬೇಡ. ಯುಬಿಸಾಫ್ಟ್ 2024ರ ಮಾರ್ಚ್ 31ಕ್ಕೆ ‘ದಿ ಕ್ರೂ’ ಗೇಮಿನ ಸರ್ವರ್ ಮುಚ್ಚಿದಾಗ ಡಿಸ್ಕ್ ಇದ್ದವರೂ ಕೈ ಹಿಸುಕಿಕೊಂಡರು.

ಎರಡನೆಯ ಆಕ್ಷೇಪ ಇನ್ನೂ ನೇರ: ಕುಡಿಯುವ ನೀರಿಗೆ, ಆಸ್ಪತ್ರೆಗೆ ಬಡಿದಾಡುವ ಜಿಲ್ಲೆಯಲ್ಲಿ 50 ಸಾವಿರದ ಆಟದ ಪೆಟ್ಟಿಗೆಯ ಚಿಂತೆ ಯಾರಿಗೆ? 2021ರ ಫೆಬ್ರುವರಿಯಲ್ಲಿ ಪ್ಲೇಸ್ಟೇಷನ್ 5 ಭಾರತಕ್ಕೆ ಬಂದಾಗ ಬೆಲೆ 49,990 ರೂಪಾಯಿ ಇದ್ದದ್ದು ಹೌದು. ಆದರೆ ಹೊಸ ಪೆಟ್ಟಿಗೆ ಕೊಳ್ಳುವವರನ್ನು ಮಾತ್ರ ಎಣಿಸಿದರೆ ಲೆಕ್ಕ ತಪ್ಪುತ್ತದೆ. ಕೈ ಬದಲಾಯಿಸಿ ಬಂದ ಪ್ಲೇಸ್ಟೇಷನ್ 4, ಗಂಟೆಗಿಷ್ಟು ಎಂದು ಆಡಿಸುವ ಪಾರ್ಲರು, ಅಣ್ಣ ನಗರದಿಂದ ಕಳಿಸಿದ ಹಳೆಯ ಎಕ್ಸ್‌ಬಾಕ್ಸ್, ಇವೂ ಲೆಕ್ಕಕ್ಕೆ ಬರಬೇಕು. (2025ರ ಕಾಯ್ದೆ ನಿಷೇಧಿಸಿದ, ದುಡ್ಡು ಕಟ್ಟಿ ಆಡುವ ಆನ್‌ಲೈನ್ ಆಟಗಳಿಗೂ ಇದಕ್ಕೂ ಸಂಬಂಧವಿಲ್ಲ, ಗೇಮ್ ಎಂದ ಕೂಡಲೇ ಹುಬ್ಬೇರಿಸುವ ಹಿರಿಯರಿಗಾಗಿ ಈ ಮಾತು.) ಅಲ್ಲದೆ, ನೀರು ಮೊದಲು, ಆಟ ಆಮೇಲೆ ಎಂಬ ವಾದಕ್ಕೆ ಇಲ್ಲಿ ಜಾಗವೇ ಇಲ್ಲ. ನಾನು ಕೇಳುತ್ತಿರುವುದಕ್ಕೆ ಸರ್ಕಾರದ ಬೊಕ್ಕಸದಿಂದ ಒಂದು ರೂಪಾಯಿಯೂ ಹೋಗುವುದಿಲ್ಲ.

ಫೈಬರ್ ಬರುತ್ತಿದೆ, ತಾಳಿ ಎನ್ನುವವರೂ ಇದ್ದಾರೆ. ಭಾರತ್‌ನೆಟ್ ಯೋಜನೆ ಗ್ರಾಮ ಪಂಚಾಯಿತಿವರೆಗೆ ಫೈಬರ್ ಎಳೆಯಲು ಹೊರಟು ಹತ್ತು ವರ್ಷ ದಾಟಿತು. ಪಂಚಾಯಿತಿ ಕಟ್ಟಡಕ್ಕೆ ಬಂದ ಎಳೆ ಮನೆಯೊಳಗೆ ಬಂದಂತಲ್ಲ. ಬಂದರೂ ಅಷ್ಟರೊಳಗೆ ಗೇಮ್‌ಗಳು ಇದ್ದಲ್ಲೇ ಇರುವುದಿಲ್ಲ, ಹತ್ತು ವರ್ಷದ ಹಿಂದೆ 40–50 ಜಿಬಿ ಇದ್ದದ್ದು ಇಂದು 100 ಮುಟ್ಟಿದೆ. ಇನ್ನು ಕ್ಲೌಡ್ ಗೇಮಿಂಗ್: ಏನನ್ನೂ ಇಳಿಸದೆ ನೇರವಾಗಿ ಆಡಬಹುದು, ಸರಿ. ಆದರೆ 20 ಎಂಬಿಪಿಎಸ್‌ನಲ್ಲಿ ಒಂದು ಗಂಟೆ ಆಡಿದರೆ 9 ಜಿಬಿ ಖರ್ಚು. ದಿನಕ್ಕೆ 2 ಜಿಬಿ ಪ್ಲಾನಿನವರು ಹದಿಮೂರು ನಿಮಿಷ ಆಡಿ ಎದ್ದು ಹೋಗಬೇಕು.

ನನ್ನ ವಾದದಲ್ಲಿ ದುರ್ಬಲ ಜಾಗವೊಂದಿದೆ, ಅದು ಅಪ್‌ಡೇಟ್. ಡ್ರೈವ್‌ನಲ್ಲಿ ತಂದ ಗೇಮ್ ಒಂದೆರಡು ತಿಂಗಳಲ್ಲಿ ಹಳತಾಗುತ್ತದೆ, ಕೆಲವು ಅಪ್‌ಡೇಟ್‌ಗಳು ತಾವೇ ಹತ್ತಾರು ಜಿಬಿ. ಒಬ್ಬರೇ ಕೂತು ಆಡುವ ಗೇಮ್‌ಗಳನ್ನು ಅಪ್‌ಡೇಟ್ ಮಾಡದೆಯೂ ಓಡಿಸಬಹುದು, ಆನ್‌ಲೈನ್ ಪಂದ್ಯಗಳಿಗೆ ಅದು ಆಗದು. ಅದೇ ಅಂಗಡಿಗೆ ಡ್ರೈವ್ ಮತ್ತೆ ಒಯ್ದು ಅಪ್‌ಡೇಟ್ ಹಾಕಿಸಿಕೊಳ್ಳಬಹುದು, ಆದರೂ ಇದು ಫೈಬರ್ ಇದ್ದವರ ಸುಖಕ್ಕೆ ಸಮವಲ್ಲ. ಬಿಸಿಲಿನದು ಇನ್ನೊಂದು ಕಾಟ. ಪ್ಲೇಸ್ಟೇಷನ್ 5ಕ್ಕೂ ಹೆಚ್ಚಿನ ಪೋರ್ಟಬಲ್ ಹಾರ್ಡ್ ಡಿಸ್ಕ್‌ಗಳಿಗೂ ತಯಾರಕರು ಹೇಳುವ ಉಷ್ಣಾಂಶದ ಮಿತಿ 35 ಡಿಗ್ರಿ. ರಾಯಚೂರಿನಲ್ಲಿ ಏಪ್ರಿಲ್–ಮೇ ತಿಂಗಳಲ್ಲಿ 40 ದಾಟುವುದು ಸುದ್ದಿಯೇ ಅಲ್ಲ. ತಿರುಗುವ ತಟ್ಟೆಯ ಡ್ರೈವಿಗಿಂತ ಎಸ್‌ಎಸ್‌ಡಿ ವಾಸಿ, ಬೆಲೆ ಮಾತ್ರ ಜಾಸ್ತಿ.

ಸರ್ಕಾರದ ಗ್ರಾಹಕ ವ್ಯವಹಾರಗಳ ಇಲಾಖೆ ಮಾಡಬಹುದಾದ ಕೆಲಸ ಸಣ್ಣದು. ಸರಕಿನ ಪ್ರಮಾಣ, ಗುಣಮಟ್ಟದ ಬಗ್ಗೆ ಮಾಹಿತಿ ಪಡೆಯುವುದು 2019ರ ಗ್ರಾಹಕ ಸಂರಕ್ಷಣಾ ಕಾಯ್ದೆಯಲ್ಲೇ ಹಕ್ಕಾಗಿದೆ. ಕನ್ಸೋಲ್ ಪೆಟ್ಟಿಗೆಯ ಮೇಲೆ 512 ಎಂದು ದಪ್ಪಕ್ಷರದಲ್ಲಿ ಬರೆಯುವವರು ಪಕ್ಕದಲ್ಲೇ 364 ಎಂದೂ ಬರೆಯಲಿ, ಗೇಮಿನ ಪೆಟ್ಟಿಗೆಯ ಮೇಲೆ ಎಷ್ಟು ಜಿಬಿ ಇಳಿಸಬೇಕಾಗುತ್ತದೆ ಎಂಬುದನ್ನು ಬೆಲೆಯಷ್ಟೇ ದೊಡ್ಡದಾಗಿ ಹಾಕಲಿ. ಉಳಿದದ್ದು ಸೋನಿ, ಮೈಕ್ರೊಸಾಫ್ಟ್‌ಗಳ ಪಾಲು. ಕಲ್ಯಾಣ ಕರ್ನಾಟಕದ ಒಂದೆರಡು ಜಿಲ್ಲಾ ಕೇಂದ್ರಗಳಲ್ಲಿ ತಮ್ಮದೇ ಮಾರಾಟಗಾರರಿಗೆ ಡ್ರೈವ್ ತುಂಬಿ ಕೊಡಲು ಅನುಮತಿ ಕೊಟ್ಟು ಆರು ತಿಂಗಳು ನಡೆಸಿ ನೋಡಲಿ. ಗೇಮ್ ಕೊಳ್ಳುವವರು ಹೆಚ್ಚಿದರೋ ಕದಿಯುವವರು ಹೆಚ್ಚಿದರೋ ಎಂದು ತಿಳಿಯಲು ಯಾರನ್ನೂ ಕೇಳಬೇಕಾಗಿಲ್ಲ. ಪ್ರತಿ ಖಾತೆಯ ಲೆಕ್ಕವೂ ಅವರ ಸರ್ವರ್‌ಗಳಲ್ಲೇ ಇರುತ್ತದೆ.