ಮೊದಲ ಚಿತ್ರಕ್ಕೆ ಪ್ರಶಸ್ತಿ, ಎರಡನೆಯದಕ್ಕೆ ಆಸರೆ ಎಲ್ಲಿ?

ದೇಶದ ವರ್ಷದ ಅತ್ಯುತ್ತಮ ಕಥಾಚಿತ್ರಕ್ಕೆ ಸಲ್ಲುವ ರಾಷ್ಟ್ರಪ್ರಶಸ್ತಿ (ನಂತರದ ಹೆಸರು ಸ್ವರ್ಣಕಮಲ) ಇದುವರೆಗೆ ಕನ್ನಡಕ್ಕೆ ಆರು ಸಲ ಬಂದಿದೆ: ‘ಸಂಸ್ಕಾರ’ (1970), ‘ಚೋಮನ ದುಡಿ’ (1975), ‘ಘಟಶ್ರಾದ್ಧ’ (1977), ‘ತಬರನ ಕಥೆ’ (1986), ‘ತಾಯಿ ಸಾಹೇಬ’ (1997), ‘ದ್ವೀಪ’ (2001). ಮೊದಲ ಮೂರು ಬಂದದ್ದು ಎಂಟೇ ವರ್ಷಗಳಲ್ಲಿ. ಆರರಲ್ಲಿ ನಾಲ್ಕು ಗಿರೀಶ ಕಾಸರವಳ್ಳಿ ಒಬ್ಬರದೇ ಚಿತ್ರಗಳು. ‘ದ್ವೀಪ’ದ ಬಳಿಕ, 2023ರ ಸಾಲಿನ ಪ್ರಶಸ್ತಿಗಳವರೆಗೂ, ಆ ಗೌರವ ಮತ್ತೆ ಕನ್ನಡ ಚಿತ್ರಕ್ಕೆ ಸಿಕ್ಕಿಲ್ಲ. 2011ರಲ್ಲಿ ಅದನ್ನು ಹಂಚಿಕೊಂಡ ‘ಬ್ಯಾರಿ’ ನಮ್ಮ ಕರಾವಳಿಯ ಕಥೆಯೇ ಆದರೂ ಅದರ ಭಾಷೆ ಬ್ಯಾರಿ.

ಈ ಪಟ್ಟಿ ನೋಡಿ ಕನ್ನಡದಲ್ಲಿ ಪ್ರತಿಭೆ ಬತ್ತಿಹೋಗಿದೆ ಎನ್ನುವವರಿದ್ದಾರೆ. ಆ ಮಾತನ್ನು ಒಪ್ಪಲಾಗದು. 2015ರಿಂದ ಈಚೆಗೆ ಲೊಕಾರ್ನೊ, ರಾಟರ್‌ಡ್ಯಾಮ್, ಬುಸಾನ್, ಕಾನ್ ಚಿತ್ರೋತ್ಸವಗಳಲ್ಲಿ ಕನ್ನಡದ ಹೊಸಬರು ಗೆದ್ದಿದ್ದಾರೆ, ಅದೂ ಹೆಚ್ಚಿನವರು ಮೊದಲ ಪ್ರಯತ್ನದಲ್ಲೇ. ಕೊರತೆ ಕಾಣುವುದು ಗೆದ್ದ ಮರುದಿನದಿಂದ. ಒಂದು ಕಾಲದಲ್ಲಿ ಕನ್ನಡದಲ್ಲಿ ಒಂದು ಚಿತ್ರ ಗೆದ್ದರೆ ಅದರಲ್ಲಿ ದುಡಿದವರೇ ಮುಂದಿನ ನಾಲ್ಕು ಚಿತ್ರ ಕಟ್ಟುತ್ತಿದ್ದರು. ಇಂದು ಗೆದ್ದವರು ಒಬ್ಬಂಟಿಯಾಗಿ ಉಳಿಯುತ್ತಾರೆ, ಇಲ್ಲವೇ ಬೇರೆ ಭಾಷೆಗೆ ಹೋಗುತ್ತಾರೆ.

‘ಸಂಸ್ಕಾರ’ದಿಂದಲೇ ನೋಡೋಣ. ನಿರ್ದೇಶಕ ಪಟ್ಟಾಭಿರಾಮ ರೆಡ್ಡಿ ತೆಲುಗಿನ ಕವಿ. ಯು.ಆರ್. ಅನಂತಮೂರ್ತಿಯವರ ಕಾದಂಬರಿ ಹೊರಬಂದು ಐದೇ ವರ್ಷವಾಗಿತ್ತು. ಚಿತ್ರಕಥೆ ಬರೆದು ಪ್ರಾಣೇಶಾಚಾರ್ಯನ ಪಾತ್ರ ಮಾಡಿದ ಗಿರೀಶ ಕಾರ್ನಾಡರು ಆಗ ಮದ್ರಾಸಿನಲ್ಲಿ ಪ್ರಕಾಶನ ಸಂಸ್ಥೆಯೊಂದರ ನೌಕರಿ ಜೊತೆಗೆ ಹವ್ಯಾಸಿ ನಾಟಕ ಮಾಡಿಕೊಂಡಿದ್ದವರು. ನಾರಣಪ್ಪನಾದ ಪಿ. ಲಂಕೇಶ್ ಇಂಗ್ಲಿಷ್ ಮೇಷ್ಟರು. ಚಂದ್ರಿಯಾದವರು ನಿರ್ದೇಶಕರ ಪತ್ನಿ ಸ್ನೇಹಲತಾ ರೆಡ್ಡಿ. ಕ್ಯಾಮೆರಾ ಹಿಡಿದವರು ಆಸ್ಟ್ರೇಲಿಯಾದ ಟಾಮ್ ಕೋವನ್, ಸಂಗೀತ ಸರೋದ್ ವಾದಕ ರಾಜೀವ ತಾರಾನಾಥರದು, ಕಲೆ ಚಿತ್ರಕಾರ ಎಸ್.ಜಿ. ವಾಸುದೇವ್ ಅವರದು. ಇಷ್ಟು ಜನರಲ್ಲಿ ಗಾಂಧಿನಗರದವರೆನ್ನುವವರು ಯಾರೂ ಇಲ್ಲ. ಶೃಂಗೇರಿ ಬಳಿಯ ವೈಕುಂಠಪುರದ ನಿಜವಾದ ಬೀದಿಯಲ್ಲಿ, ನಿಜವಾದ ಮನೆಗಳ ಮುಂದೆ ಚಿತ್ರೀಕರಣ ನಡೆಯಿತು.

ಸೆನ್ಸಾರ್ ಮಂಡಳಿ ಚಿತ್ರವನ್ನು ತಡೆಹಿಡಿಯಿತು. ಅಗ್ರಹಾರದಲ್ಲಿ ಹೆಣ ಬಿದ್ದಿದೆ, ಸಂಸ್ಕಾರ ಮಾಡುವವರು ಯಾರೆಂದು ಬ್ರಾಹ್ಮಣರು ತೀರ್ಮಾನಿಸಲಾರದೆ ಹಸಿದು ಕೂತಿದ್ದಾರೆ ಎಂಬ ಕಥೆ ಜಾತಿ ಜಾತಿಗಳ ನಡುವೆ ಬೆಂಕಿ ಹಚ್ಚುತ್ತದೆ ಎಂಬುದು ಆತಂಕ. ಕೊನೆಗೆ ಕೇಂದ್ರ ಸರಕಾರವೇ ತಡೆ ತೆರವು ಮಾಡಿತು, ಅದೇ ಚಿತ್ರಕ್ಕೆ ಅತ್ಯುತ್ತಮ ಕಥಾಚಿತ್ರದ ರಾಷ್ಟ್ರಪ್ರಶಸ್ತಿಯೂ ಬಂತು. ಒಂದು ಕೈ ಮುಚ್ಚಿದ್ದನ್ನು ಇನ್ನೊಂದು ಕೈ ಎತ್ತಿ ತೋರಿಸಿತು. ಪ್ರಶಸ್ತಿಯೊಂದು ನಿಜವಾಗಿ ಕೆಲಸ ಮಾಡುವುದು ಹೀಗೆ. ಊರಲ್ಲಿ ಹೇಳಬಾರದೆಂದು ಎಲ್ಲರೂ ಒಪ್ಪಿಕೊಂಡಿದ್ದ ಮಾತನ್ನು ಹೇಳಿದವರ ಬೆನ್ನಿಗೆ ಅದು ನಿಂತುಕೊಂಡಿತು. ಇಲ್ಲಿ ಸ್ನೇಹಲತಾ ಅವರನ್ನು ನೆನೆಯದೆ ಮುಂದೆ ಹೋಗಲು ಮನಸ್ಸು ಬಾರದು. ತುರ್ತು ಪರಿಸ್ಥಿತಿಯಲ್ಲಿ ಬಂಧಿತರಾದ ಅವರು ಬೆಂಗಳೂರಿನ ಜೈಲಿನಲ್ಲಿ ಉಬ್ಬಸದಿಂದ ನರಳಿ, ಪೆರೋಲ್ ಮೇಲೆ ಹೊರಬಂದ ಕೆಲವೇ ದಿನಗಳಲ್ಲಿ, 1977ರ ಜನವರಿಯಲ್ಲಿ ತೀರಿಕೊಂಡರು. ಆ ಚಿತ್ರದ ಧೈರ್ಯ ಪರದೆಗಷ್ಟೇ ಸೀಮಿತವಾಗಿರಲಿಲ್ಲ.

ಮುಂದೆ ನಡೆದದ್ದು ಇನ್ನೂ ಮುಖ್ಯ. ‘ಸಂಸ್ಕಾರ’ದ ಕಾರ್ನಾಡರು ಮರುವರ್ಷವೇ ಬಿ.ವಿ. ಕಾರಂತರ ಜೊತೆ ಸೇರಿ ಎಸ್.ಎಲ್. ಭೈರಪ್ಪನವರ ‘ವಂಶವೃಕ್ಷ’ ಮಾಡಿದರು, ಇಬ್ಬರಿಗೂ ಸೇರಿ ಶ್ರೇಷ್ಠ ನಿರ್ದೇಶನದ ರಾಷ್ಟ್ರಪ್ರಶಸ್ತಿ ಬಂತು.   1973ರಲ್ಲಿ ಕಾರ್ನಾಡರು ಶ್ರೀಕೃಷ್ಣ ಆಲನಹಳ್ಳಿಯವರ ‘ಕಾಡು’ ಕೈಗೆತ್ತಿಕೊಂಡರು. ಅದರ ಕ್ಯಾಮೆರಾ ಗೋವಿಂದ ನಿಹಲಾನಿಯವರದು. ನಂದಿನಿ ಭಕ್ತವತ್ಸಲ ಶ್ರೇಷ್ಠ ನಟಿಯಾದರು. ಬಿ.ವಿ. ಕಾರಂತರು 1975ರಲ್ಲಿ ಶಿವರಾಮ ಕಾರಂತರ ‘ಚೋಮನ ದುಡಿ’ ಮಾಡಿದಾಗ ಎಂ.ವಿ. ವಾಸುದೇವರಾಯರು ಶ್ರೇಷ್ಠ ನಟರಾದರು. ಲಂಕೇಶ್ 1976ರಲ್ಲಿ ತಮ್ಮ ಮೊದಲ ಚಿತ್ರ ‘ಪಲ್ಲವಿ’ಗೇ ಶ್ರೇಷ್ಠ ನಿರ್ದೇಶಕರೆನಿಸಿಕೊಂಡರು. ‘ಸಂಸ್ಕಾರ’ದ ಸೆಟ್ಟಿನಲ್ಲಿ ನಟರಾಗಿ ನಿಂತ ಇಬ್ಬರು ಲೇಖಕರೂ ಆರು ವರ್ಷದೊಳಗೆ ರಾಷ್ಟ್ರಪ್ರಶಸ್ತಿ ಗೆದ್ದ ನಿರ್ದೇಶಕರಾದರು. ಇಂಥ ಬೆಳೆ ಒಂದು ಪ್ರಶಸ್ತಿಯ ಮಳೆಗೆ ಬರುವುದಿಲ್ಲ.

ನೆಲ ಹದವಾಗಿತ್ತು. ನವ್ಯ ಸಾಹಿತ್ಯ ಉಚ್ಛ್ರಾಯದಲ್ಲಿತ್ತು, ಕಥೆಗಳು ಸಾಲುಗಟ್ಟಿ ನಿಂತಿದ್ದವು. ಹವ್ಯಾಸಿ ರಂಗಭೂಮಿಯಿಂದ ನಟರು ಬಂದರು. ರಾಜ್ಯದಲ್ಲೇ ತಯಾರಾದ ಕನ್ನಡ ಚಿತ್ರಗಳಿಗೆ ಸರಕಾರ ಸಹಾಯಧನ ಕೊಡುತ್ತಿತ್ತು. ಕಪ್ಪುಬಿಳುಪಿನ, ಹಾಡುಕುಣಿತವಿಲ್ಲದ ಚಿತ್ರದ ಖರ್ಚಿಗೆ ಆ ಹಣ ದೊಡ್ಡ ಆಸರೆ. ಫಿಲಂ ಸೊಸೈಟಿಗಳು ಪ್ರೇಕ್ಷಕರನ್ನು ತಯಾರು ಮಾಡುತ್ತಿದ್ದವು, ಥಿಯೇಟರುಗಳ ಬೆಳಗಿನ ಆಟಕ್ಕೆ ಆ ಪ್ರೇಕ್ಷಕರು ಬರುತ್ತಿದ್ದರು. ಪುಣೆಯ ಫಿಲಂ ಇನ್‌ಸ್ಟಿಟ್ಯೂಟ್ ತಂತ್ರ ಬಲ್ಲವರನ್ನು ಕಳಿಸುತ್ತಿತ್ತು.

ಹಾಗೆ ಪುಣೆಯಲ್ಲಿ ಕಲಿಯುತ್ತಿದ್ದ ಯುವಕನೊಬ್ಬ ‘ಚೋಮನ ದುಡಿ’ಗೆ ಸಹಾಯಕ ನಿರ್ದೇಶಕನಾಗಿ ಬಂದ. ಆ ಯುವಕನೇ ಕಾಸರವಳ್ಳಿ. ಅವರು ಎರಡು ವರ್ಷದ ಬಳಿಕ ‘ಘಟಶ್ರಾದ್ಧ’ ಮಾಡಿದಾಗ ಕ್ಯಾಮೆರಾ ‘ಚೋಮನ ದುಡಿ’ಗೆ ಕ್ಯಾಮೆರಾ ಹಿಡಿದಿದ್ದ ಎಸ್. ರಾಮಚಂದ್ರ ಅವರದೇ, ಸಂಗೀತ ಅದೇ ಬಿ.ವಿ. ಕಾರಂತರದು. ನಿರ್ಮಾಪಕರಾದ ಸದಾನಂದ ಸುವರ್ಣ ಕೂಡ ರಂಗಭೂಮಿಯ ಮನುಷ್ಯ. ನಿರ್ದೇಶಕರಿಗೆ ಇನ್ನೂ ಇಪ್ಪತ್ತೇಳು ತುಂಬಿರಲಿಲ್ಲ. ಮೊದಲ ಚಿತ್ರಕ್ಕೇ ಸ್ವರ್ಣಕಮಲ.

‘ಘಟಶ್ರಾದ್ಧ’ದ ಬಗ್ಗೆ ಸ್ವಲ್ಪ ನಿಧಾನಿಸಿ ಹೇಳಬೇಕು, ಏಕೆಂದರೆ ಕನ್ನಡ ಸಿನಿಮಾ ನೋಡುವ ರೀತಿಯನ್ನೇ ಅದು ಬದಲಿಸಿತು. ಕಥೆ ಅನಂತಮೂರ್ತಿಯವರದೇ. ವೇದಪಾಠಶಾಲೆ ನಡೆಸುವ ಉಡುಪರ ವಿಧವೆ ಮಗಳು ಯಮುನಾ ಬಸುರಿಯಾಗಿದ್ದಾಳೆ. ಪಾಠಶಾಲೆಗೆ ಹೊಸದಾಗಿ ಬಂದ ನಾಣಿ ಎಂಬ ಹುಡುಗನಿಗೆ ಅವಳನ್ನು ಬಿಟ್ಟರೆ ಗತಿಯಿಲ್ಲ, ಅವಳಿಗೂ ಅವನನ್ನು ಬಿಟ್ಟರೆ ಬೇರೆ ಜೀವವಿಲ್ಲ. ಚಿತ್ರ ಬಹುಪಾಲು ಈ ಹುಡುಗನ ಕಣ್ಣಲ್ಲೇ ಸಾಗುತ್ತದೆ. ಅವಳಿಗೆ ಏನಾಗಿದೆಯೆಂದು ಅವನಿಗೆ ಅರ್ಥವಾಗುವುದಿಲ್ಲ. ದೊಡ್ಡವರ ಪಿಸುಮಾತು, ಮುಚ್ಚಿದ ಬಾಗಿಲು, ಹಿರಿಯ ವಟುಗಳ ಕುಹಕ ಇಷ್ಟೇ ಅವನಿಗೆ ದಕ್ಕುವುದು. ಯಮುನಾ ಸಾಯಲೆಂದು ಹುತ್ತದೊಳಗೆ ಕೈ ಇಡುವಾಗಲೂ ನಾವು ಅವನ ಗಾಬರಿಯ ಜೊತೆಗೇ ನಿಂತಿರುತ್ತೇವೆ. ಚಿತ್ರ ಯಾರಿಗೂ ಉಪದೇಶ ಮಾಡುವುದಿಲ್ಲ. ಬದುಕಿರುವ ಮಗಳಿಗೆ ತಂದೆ ಮಡಕೆ ಒಡೆದು ಶ್ರಾದ್ಧ ಮಾಡುತ್ತಾನೆ. ನಾಣಿ ತನ್ನ ತಂದೆಯ ಕೈ ಹಿಡಿದು ಊರು ಬಿಡುವಾಗ ತಲೆ ಬೋಳಿಸಿಕೊಂಡು ಮರದಡಿ ಕೂತ ಯಮುನಾ ಕಣ್ಣಿಗೆ ಬೀಳುತ್ತಾಳೆ. ಆ ಹುಡುಗ ಅಳುವುದಕ್ಕೆ ಇರುವ ಕಾರಣವನ್ನು ಬಾಯಲ್ಲಿ ಹೇಳಲಾರ. ಪ್ರೇಕ್ಷಕನಿಗೆ ಅಷ್ಟು ನಂಬಿಕೆಯಿಂದ ಕೆಲಸ ಒಪ್ಪಿಸಿದ ಚಿತ್ರಗಳು ಅದಕ್ಕೆ ಮುಂಚೆ ನಮ್ಮಲ್ಲಿ ವಿರಳ. 2024ರಲ್ಲಿ ಫಿಲಂ ಹೆರಿಟೇಜ್ ಫೌಂಡೇಶನ್ ಮತ್ತು ಮಾರ್ಟಿನ್ ಸ್ಕಾರ್ಸೆಸಿ ಅವರ ವರ್ಲ್ಡ್ ಸಿನಿಮಾ ಪ್ರಾಜೆಕ್ಟ್ ಸೇರಿ ಪುನರುಜ್ಜೀವನಗೊಳಿಸಿದ ‘ಘಟಶ್ರಾದ್ಧ’ದ ಪ್ರತಿ ವೆನಿಸ್ ಚಿತ್ರೋತ್ಸವದ ಕ್ಲಾಸಿಕ್ಸ್ ವಿಭಾಗದಲ್ಲಿ ಪ್ರದರ್ಶನಗೊಂಡಿತು.

ಪ್ರಶಸ್ತಿಯ ನಂತರ ಕಾಸರವಳ್ಳಿಯವರಿಗೆ ಹಾದಿ ಸುಗಮವಾಗಿತ್ತು ಎಂದು ಹೇಳಲಾಗದು. ಆದರೆ ಎರಡೇ ವರ್ಷದಲ್ಲಿ ‘ಆಕ್ರಮಣ’, ಮತ್ತೆರಡು ವರ್ಷಕ್ಕೆ ‘ಮೂರು ದಾರಿಗಳು’ ಬಂದವು. ಆಮೇಲೆ ಪೂರ್ಣಚಂದ್ರ ತೇಜಸ್ವಿಯವರ ‘ತಬರನ ಕಥೆ’. ಒಬ್ಬ ಕಲಾವಿದ ತನ್ನ ದನಿಯನ್ನು ಪಳಗಿಸಿಕೊಳ್ಳುವುದು ಹೀಗೆ ಒಂದರ ಹಿಂದೊಂದು ಚಿತ್ರ ಮಾಡುತ್ತಾ. ಮುಂದೆ ಅವರ ಬೆನ್ನಿಗೆ ನಿಂತವರಲ್ಲಿ ಜನಪ್ರಿಯ ಚಿತ್ರಗಳ ನಾಯಕಿಯರೇ ಇದ್ದಾರೆಂಬುದನ್ನು ನಾವು ಸಾಕಷ್ಟು ಹೇಳುವುದಿಲ್ಲ. ‘ತಾಯಿ ಸಾಹೇಬ’ ನಿರ್ಮಿಸಿದವರು ಜಯಮಾಲಾ. ನಾ. ಡಿಸೋಜರ ‘ದ್ವೀಪ’ವನ್ನು ನಿರ್ಮಿಸಿ, ಮುಳುಗಡೆಯ ಊರಿನ ನಾಗಿಯಾಗಿ ನಟಿಸಿದವರು ಸೌಂದರ್ಯ. ಬಾನು ಮುಷ್ತಾಕ್ ಅವರ ಕಥೆಯನ್ನು ಆಧರಿಸಿದ ‘ಹಸೀನಾ’ ಚಿತ್ರದ ತಾರಾ ಅವರಿಗೆ ಶ್ರೇಷ್ಠ ನಟಿ ಪ್ರಶಸ್ತಿ ಬಂದದ್ದು 2004ರ ಸಾಲಿನಲ್ಲಿ. ಮುಖ್ಯವಾಹಿನಿ, ಪರ್ಯಾಯ ಎಂಬ ಗೆರೆಯನ್ನು ಆ ಹೆಣ್ಣುಮಕ್ಕಳು ತಮ್ಮ ಹಣ, ಶ್ರಮ, ಹೆಸರು ಒಡ್ಡಿ ದಾಟಿದರು.

ಈಗ ‘ತಿಥಿ’ಗೆ ಬರೋಣ. 2015ರಲ್ಲಿ ಲೊಕಾರ್ನೊದಲ್ಲಿ ಹೊಸ ನಿರ್ದೇಶಕರ ವಿಭಾಗದ ಗೋಲ್ಡನ್ ಲೆಪರ್ಡ್ ಮತ್ತು ಮೊದಲ ಚಿತ್ರದ ಪ್ರಶಸ್ತಿ ಎರಡನ್ನೂ ಗೆದ್ದ ಚಿತ್ರವಿದು. ಮಂಡ್ಯ ಜಿಲ್ಲೆಯ ನೊದೆಕೊಪ್ಪಲಿನ ಜನರೇ ನಟರು. ಚಿತ್ರಕಥೆಯಲ್ಲಿ ನಿರ್ದೇಶಕ ರಾಮ್ ರೆಡ್ಡಿಯವರ ಜೊತೆಗಾರ ಆ ಊರನ್ನು ಬಲ್ಲ ಈರೇಗೌಡ. ಬೀದಿ ಬದಿ ಕೂತು ಹೋಗಿ ಬರುವವರನ್ನೆಲ್ಲ ಬೈಯುವ ಸೆಂಚುರಿ ಗೌಡ ಮೂತ್ರಕ್ಕೆಂದು ಎದ್ದು ಹೋಗಿ ದೊಪ್ಪನೆ ಬಿದ್ದು ಸಾಯುತ್ತಾನೆ, ಅಲ್ಲಿಂದ ಹನ್ನೊಂದನೆಯ ದಿನದ ತಿಥಿಯವರೆಗೆ ಕಥೆ. ಮಗ ಗಡ್ಡಪ್ಪನಿಗೆ ಜಮೀನು ಬೇಡ, ದುಃಖವೂ ಇಲ್ಲ. ಜೇಬಿನಲ್ಲಿ ಟೈಗರ್ ಬ್ರಾಂದಿ ಇಟ್ಟುಕೊಂಡು ನಡೆಯುತ್ತಲೇ ಇರುತ್ತಾನೆ. ಮೊಮ್ಮಗ ತಮ್ಮಣ್ಣ ಜಮೀನು ಮಾರುವ ಆತುರದಲ್ಲಿ ಬದುಕಿರುವ ಅಪ್ಪನನ್ನೇ ಕಾಗದದ ಮೇಲೆ ಸಾಯಿಸಲು ಹೊರಡುತ್ತಾನೆ. ‘ಘಟಶ್ರಾದ್ಧ’ದಲ್ಲಿ ಧರ್ಮ ಮಾಡಿದ ಕೆಲಸವನ್ನು ಇಲ್ಲಿ ರಿಯಲ್ ಎಸ್ಟೇಟ್ ಮಾಡುತ್ತಿದೆ. ಮಂಡ್ಯದ ಮಾತು ಇಷ್ಟು ಸಲೀಸಾಗಿ, ಅಣಕದ ಸೋಂಕಿಲ್ಲದೆ ಪರದೆಗೆ ಬಂದದ್ದೂ ದೊಡ್ಡ ಸಂಗತಿ.

ಆಮೇಲೇನಾಯಿತು? ಈರೇಗೌಡರ ‘ಬಳೆಕೆಂಪ’ 2018ರಲ್ಲಿ ರಾಟರ್‌ಡ್ಯಾಮ್‌ನಲ್ಲಿ ವಿಮರ್ಶಕರ ಪ್ರಶಸ್ತಿ ಪಡೆಯಿತು. ಊರಲ್ಲಿ ಅದನ್ನು ನೋಡಿದವರು ಎಷ್ಟು ಮಂದಿ? ರಾಮ್ ರೆಡ್ಡಿಯವರ ಎರಡನೆಯ ಚಿತ್ರ ‘ಜುಗ್ನುಮಾ’ ಬರ್ಲಿನ್‌ನಲ್ಲಿ ಪ್ರದರ್ಶನ ಕಂಡದ್ದು 2024ರಲ್ಲಿ, ಮನೋಜ್ ಬಾಜಪೇಯಿ ಅದರ ನಾಯಕ, ಅದು ಕನ್ನಡ ಚಿತ್ರವಲ್ಲ. ಕಲಾವಿದ ತನಗೆ ಬೇಕಾದ ಭಾಷೆಯಲ್ಲಿ ಕೆಲಸ ಮಾಡುವುದು ಅವನ ಹಕ್ಕು, ಅದರಲ್ಲಿ ದೂರುವಂಥದ್ದಿಲ್ಲ. ಆದರೆ ‘ತಿಥಿ’ಯಂಥ ಚಿತ್ರದ ಬಳಿಕ ಕನ್ನಡದಲ್ಲಿ ‘ಕಾಡು’, ‘ಪಲ್ಲವಿ’ಗಳಂತೆ ಸರಣಿಯೊಂದು ಹುಟ್ಟಲಿಲ್ಲ ಎಂಬುದು ನಮ್ಮ ನಷ್ಟ.

ಜೈಶಂಕರ್ ಆರ್ಯರ್ ಅವರ ‘ಶಿವಮ್ಮ’ 2022ರಲ್ಲಿ ಬುಸಾನ್‌ನ ನ್ಯೂ ಕರೆಂಟ್ಸ್ ಪ್ರಶಸ್ತಿ ಗೆದ್ದಿತು. ಕೊಪ್ಪಳ ಸೀಮೆಯ ಯರೇಹಂಚಿನಾಳದ ಮಧ್ಯವಯಸ್ಸಿನ ಹೆಂಗಸೊಬ್ಬಳು ನೆಟ್‌ವರ್ಕ್ ಮಾರ್ಕೆಟಿಂಗಿನ ಪುಡಿ ಮಾರಿ ಶ್ರೀಮಂತಳಾಗುವ ಹಟದಲ್ಲಿ ಊರನ್ನೆಲ್ಲ ಎದುರು ಹಾಕಿಕೊಳ್ಳುವ ಕಥೆ ಅದು. ನಮ್ಮ ಪ್ರೇಕ್ಷಕರ ಮುಂದೆ ಅದು ಬಂದದ್ದು 2024ರಲ್ಲಿ. ನಟೇಶ್ ಹೆಗಡೆ ತಮ್ಮ ತಂದೆಯನ್ನೇ ನಾಯಕನನ್ನಾಗಿಸಿ ಮಾಡಿದ ‘ಪೆದ್ರೊ’ 2021ರಲ್ಲಿ ಬುಸಾನ್‌ಗೆ, ‘ವಾಘಾಚಿಪಾಣಿ’ 2025ರಲ್ಲಿ ಬರ್ಲಿನ್‌ಗೆ ಹೋದವು. ಮೈಸೂರಿನ ಚಿದಾನಂದ ನಾಯ್ಕ ಎಂಬಿಬಿಎಸ್ ಓದಿ, ಆಮೇಲೆ ಪುಣೆ ಸೇರಿ, ಅಜ್ಜಿಯೊಬ್ಬಳು ಊರಿನ ಹುಂಜ ಕದ್ದೊಯ್ದು ಬೆಳಗೇ ಆಗದಂತೆ ಮಾಡುವ ಜನಪದ ಕಥೆಯನ್ನು ಹದಿನಾರು ನಿಮಿಷದ ಕನ್ನಡ ಚಿತ್ರವಾಗಿಸಿದರು. 2024ರಲ್ಲಿ ಕಾನ್‌ನ ವಿದ್ಯಾರ್ಥಿ ಚಿತ್ರಗಳ ವಿಭಾಗದ ಮೊದಲ ಬಹುಮಾನ ಅದಕ್ಕೆ. ಪತ್ರಿಕೆಗಳಲ್ಲಿ ಹೆಮ್ಮೆಯ ಶೀರ್ಷಿಕೆಗಳು ಬಂದವು, ಅಭಿನಂದನೆಗಳು ಹರಿದವು. ಅಭಿನಂದಿಸಿದವರಲ್ಲಿ ಆ ಚಿತ್ರಗಳನ್ನು ಟಿಕೆಟ್ ಕೊಂಡು ನೋಡಲು ಅವಕಾಶವಿದ್ದವರು ಎಷ್ಟು ಜನ ಎಂಬುದೇ ಪ್ರಶ್ನೆ.

ಹಿಂದಿನ ತಲೆಮಾರಿಗೆ ಪ್ರಶಸ್ತಿ ದೆಹಲಿಯಿಂದ ಬರುತ್ತಿತ್ತು, ಪ್ರೇಕ್ಷಕ ಶಿವಮೊಗ್ಗದಲ್ಲೋ ಮೈಸೂರಿನಲ್ಲೋ ಬೆಳಗಿನ ಆಟಕ್ಕೆ ಕಾಯುತ್ತಿದ್ದ. ಇವತ್ತು ಪ್ರಶಸ್ತಿ ಬುಸಾನ್‌ನಿಂದ ಬರುತ್ತದೆ, ಪ್ರೇಕ್ಷಕನೂ ಬುಸಾನ್‌ನಲ್ಲೇ ಇರುತ್ತಾನೆ. ಬೆಳಗಿನ ಆಟದ ಪದ್ಧತಿ ಹೋಯಿತು, ತಾಲ್ಲೂಕು ಕೇಂದ್ರಗಳ ಎಷ್ಟೋ ಥಿಯೇಟರುಗಳು ಕಲ್ಯಾಣಮಂಟಪಗಳಾದವು. ಮಲ್ಟಿಪ್ಲೆಕ್ಸಿನಲ್ಲಿ ಸಣ್ಣ ಚಿತ್ರಕ್ಕೆ ಸಿಗುವುದು ಯಾರೂ ಬಿಡುವಾಗಿರದ ಹೊತ್ತಿನ ಒಂದು ಆಟ, ಅದೂ ಮೊದಲ ವಾರದಲ್ಲಿ ಸೀಟು ತುಂಬದಿದ್ದರೆ ಇಲ್ಲ. ಒಟಿಟಿ ಕಂಪನಿಗಳು ತಾರೆಯರಿಲ್ಲದ ಕನ್ನಡ ಚಿತ್ರ ಕೊಳ್ಳಲು ಹಿಂಜರಿಯುತ್ತವೆ. ಹಾಕಿದ ಹಣ ಊರಲ್ಲಿ ಹುಟ್ಟದಿದ್ದರೆ ಎರಡನೆಯ ಚಿತ್ರಕ್ಕೆ ನಿರ್ಮಾಪಕರು ಎಲ್ಲಿಂದ ಬಂದಾರು? ‘ಶಿವಮ್ಮ’, ‘ಪೆದ್ರೊ’ಗಳಿಗೆ ರಿಷಬ್ ಶೆಟ್ಟಿಯವರ ಸಂಸ್ಥೆ ಆಸರೆಯಾದದ್ದು ಮೆಚ್ಚಬೇಕಾದ ಕೆಲಸ. ಆದರೆ ಒಬ್ಬ ನಟನ ಒಳ್ಳೆಯತನದ ಮೇಲೆ ಒಂದು ಭಾಷೆಯ ಸಿನಿಮಾ ಕಲೆ ನಿಲ್ಲಬಾರದು.

ಸರಕಾರ ಇಂದಿಗೂ ಸಹಾಯಧನ ಕೊಡುತ್ತಿದೆ. ಅದು ಚಿತ್ರ ತಯಾರಾಗುವುದಕ್ಕೆ ನೆರವಾಗುತ್ತದೆ, ಚಿತ್ರ ಜನರನ್ನು ತಲುಪಿತೇ ಎಂದು ಕೇಳುವುದಿಲ್ಲ. ನನ್ನ ಪ್ರಕಾರ ಆ ಹಣದ ಒಂದು ಪಾಲನ್ನಾದರೂ ಪ್ರದರ್ಶನಕ್ಕೆ ಮೀಸಲಿಡಬೇಕು. ಕೇರಳದ ಚಲನಚಿತ್ರ ಅಭಿವೃದ್ಧಿ ನಿಗಮ ತಿರುವನಂತಪುರದಲ್ಲಿ ಕೈರಳಿ, ಶ್ರೀ, ನಿಳಾ ಎಂಬ ತನ್ನದೇ ಥಿಯೇಟರುಗಳನ್ನು ನಡೆಸುತ್ತಿದೆ, 2024ರಲ್ಲಿ ಸಿ ಸ್ಪೇಸ್ ಎಂಬ ಸರಕಾರಿ ಒಟಿಟಿಯನ್ನೂ ತೆರೆಯಿತು. ನಮ್ಮಲ್ಲಿ 2025ರ ಬಜೆಟ್ಟಿನಲ್ಲಿ ಒಟಿಟಿಯ ಘೋಷಣೆಯಾಗಿದೆ. ಅದು ಬರಲಿ, ಬೇಗ ಬರಲಿ. ಅದಕ್ಕೂ ಮೊದಲು ಆಗಬಹುದಾದ ಕೆಲಸವಿದೆ. ನಮ್ಮ ಬಹುತೇಕ ಜಿಲ್ಲಾ ಕೇಂದ್ರಗಳಲ್ಲಿ ರಂಗಮಂದಿರಗಳಿವೆ, ವಾರದ ಬಹುದಿನ ಬೀಗ ಹಾಕಿಕೊಂಡಿರುತ್ತವೆ. ಒಳ್ಳೆಯ ಪ್ರೊಜೆಕ್ಟರು, ಸರಿಯಾದ ಧ್ವನಿವ್ಯವಸ್ಥೆ ಕೂರಿಸಿ, ಪ್ರತಿ ಭಾನುವಾರ ಬೆಳಿಗ್ಗೆ ಐವತ್ತು ರೂಪಾಯಿ ಟಿಕೆಟ್ಟಿಗೆ ಒಂದು ಕನ್ನಡ ಚಿತ್ರ ತೋರಿಸಲಿ. ಟಿಕೆಟ್ಟಿನ ಹಣ ಚಿತ್ರ ಮಾಡಿದವರಿಗೇ ಹೋಗಲಿ. ಮೊದಲ ತಿಂಗಳಿನ ಪಟ್ಟಿಗೆ ‘ಘಟಶ್ರಾದ್ಧ’, ‘ತಿಥಿ’, ‘ಶಿವಮ್ಮ’, ‘ಪೆದ್ರೊ’ ಸಾಕು. ಕೊಪ್ಪಳದವರು ‘ಶಿವಮ್ಮ’ಳನ್ನು ನೋಡಿ ಜಗಳವಾಡಲಿ, ಶಿರಸಿಯವರು ತಮ್ಮ ಸೀಮೆಯ ‘ಪೆದ್ರೊ’ ನೋಡಿ ತಕರಾರು ತೆಗೆಯಲಿ. ಆ ಸಾಲುಗಳಲ್ಲಿ ಕೂತ ಯಾರೋ ಒಬ್ಬರು ಮುಂದಿನ ಚಿತ್ರಕ್ಕೆ ಹಣ ಹಾಕಿಯಾರು, ಇನ್ನೊಬ್ಬರು ಮುಂದಿನ ಚಿತ್ರವನ್ನೇ ಬರೆದಾರು.